ಸವಣೂರಿನ ಛತ್ರಿ ಅಂಬು

ಒಂದು ಮಾತನ್ನು ಮೊದಲೇ ಒಪ್ಪಿಕೊಂಡುಬಿಡುತ್ತೇನೆ: ನನಗೆ ಹಸಿವೆ ತಡೆಯಲು ಬರುವುದಿಲ್ಲ. ಕೆಲವರಿಗೆ ಸಿಟ್ಟು ತಡೆಯಲು ಬರುವುದಿಲ್ಲ, ಕೆಲವರಿಗೆ ನಗು. ಅಂಥವರನ್ನು ಜನ ಹೇಗೋ ಸಹಿಸಿಕೊಳ್ಳುತ್ತಾರೆ. ಹಸಿವೆ ತಡೆಯಲಾರದವನನ್ನು, ಅದರಲ್ಲೂ ಅವನು ಸಾಲಿ ಮಾಸ್ತರನಾಗಿದ್ದರೆ, ಯಾರೂ ಮರ್ಯಾದೆಯಿಂದ ಕಾಣುವುದಿಲ್ಲ. ಹಾನಗಲ್ಲಿನ ಸಾಲೆಯಲ್ಲಿ ನಾನು ಉಪವಾಸದ ಮಹತ್ವದ ಮೇಲೆ ಪಾಠ ಮಾಡಿದ ದಿನ ಮಧ್ಯಾಹ್ನದ ಸೂಟಿಯ ಗಂಟೆ ಹತ್ತು ನಿಮಿಷ ಮೊದಲೇ ಬಾರಿಸಿತು. ಬಾರಿಸಿದವನು ನಾನೇ. ಇಂಥ ಮನುಷ್ಯ ಬಿಲ್ಲು ಹಿಡಿದು ಚಿಗರಿ ಬೇಟೆಗೆ ಹೋದನೆಂದರೆ ಮಾಂಸದ ಆಸೆಗೆ ಹೋಗಿರಬೇಕು ಎಂದು ನೀವು ತಿಳಿಯುತ್ತೀರಿ. ಹಾಗಲ್ಲ, ನಾನು ಹೋದದ್ದು ಮಾನ ಉಳಿಸಿಕೊಳ್ಳಲು. ಈಗ ಚಿಗರಿಯ, ಅಂದರೆ ಕೃಷ್ಣಮೃಗದ, ಕಡೆ ಕೆಟ್ಟ ಕಣ್ಣಿನಿಂದ ನೋಡಿದರೂ ಜೈಲು ಗಟ್ಟಿ. ಆಗ, ನಾವು ಮುಂಬಯಿ ಪ್ರಾಂತ ಬಿಟ್ಟು ಮೈಸೂರು ರಾಜ್ಯ ಸೇರಿ ಎರಡು-ಮೂರು ವರ್ಷವಾಗಿದ್ದ ಕಾಲದಲ್ಲಿ, ಹೊಲ ಮೇಯುವ ಚಿಗರಿಯನ್ನು ಹೊಡೆದರೆ ಹಳ್ಳಿಯಲ್ಲಿ ಯಾರೂ ಯಾಕೆಂದು ಕೇಳುತ್ತಿರಲಿಲ್ಲ.

ನನ್ನ ಮಾವನವರದು ಹಿರೇಕೆರೂರು ತಾಲೂಕಿನಲ್ಲಿ, ಅಬಲೂರು ದಾಟಿ ಇನ್ನೂ ಮುಂದೆ ಒಂದು ಹಳ್ಳಿ. ಮಳೆ ನಂಬಿದ ಭೂಮಿ. ಹಿಂಗಾರಿಗೆ ಕಡಲೆ ಬಿತ್ತುತ್ತಾರೆ. ಅದು ಕಾಯಿ ಕಟ್ಟುವ ಹೊತ್ತಿಗೆ ಸರಿಯಾಗಿ, ಯಾರೋ ಕರೆಯೋಲೆ ಕಳಿಸಿದವರಂತೆ, ಚಿಗರಿ ಹಿಂಡು ಬರುತ್ತಿತ್ತು. ಮಾವನವರು ಹಳೆಯ ಬೇಟೆಗಾರರು. ಬಂದೂಕಿನ ಮಾತೆತ್ತಿದರೆ ಅವರಿಗಾಗುತ್ತಿರಲಿಲ್ಲ, ಬಿದಿರಿನ ಬಿಲ್ಲೇ ಆಗಬೇಕು. ಮದುವೆಯಾದ ಮೊದಲ ದೀಪಾವಳಿಗೆ ಹೋದಾಗ ಊಟಕ್ಕೆ ಕುಳಿತಲ್ಲೇ ಕೇಳಿದರು: “ಅಳಿಯಂದ್ರ, ಬಿಲ್ಲು ಹಿಡದ ರೂಢಿ ಐತೇನು?” ಅದೇ ಕ್ಷಣದಲ್ಲಿ ಅತ್ತೆಯವರು ನನ್ನ ಹೋಳಿಗೆಯ ಮೇಲೆ ತುಪ್ಪ ಸುರಿಯುತ್ತಿದ್ದರು. ಬಾಯಿತುಂಬ ಹೋಳಿಗೆ ಇದ್ದಾಗ ಮನುಷ್ಯನಿಗೆ ಇಲ್ಲ ಎನ್ನಲು ಬರುವುದಿಲ್ಲ. “ತಕ್ಕಮಟ್ಟಿಗೆ ಐತ್ರಿ” ಎಂದೆ. ಸಣ್ಣವನಿದ್ದಾಗ ಸಾಲೆಯ ನಾಟಕದಲ್ಲಿ ಅರ್ಜುನನ ಪಾತ್ರದವನು ನೀರು ಕುಡಿದು ಬರುವವರೆಗೆ ಅವನ ಬಿಲ್ಲು ಹಿಡಿದು ನಿಂತಿದ್ದೆ. ಹೀಗಾಗಿ ಅದು ಪೂರಾ ಸುಳ್ಳೂ ಅಲ್ಲ. ಮಾವನವರು ಹಿಗ್ಗಿಬಿಟ್ಟರು. ಎಳ್ಳ ಅಮಾಸಿಗೆ ಬರ್ರಿ, ಮರುದಿನ ಬೇಟೆಗೆ ಹೋಗೋಣ ಎಂದು ಅಲ್ಲೇ ನಿಕ್ಕಿ ಮಾಡಿದರು. ನಾನು ಇನ್ನೊಂದು ಹೋಳಿಗೆ ಹಾಕಿಸಿಕೊಂಡೆ.

ಕೈ ತೊಳೆದ ಮೇಲೆ, ಅಡಿಕೆ ಕತ್ತರಿಸುತ್ತ, ಅವರು ತಮ್ಮ ಮನೆಯ ರೀತಿಯೊಂದನ್ನು ಹೇಳಿದರು. “ಅಂಬು ಬಿಟ್ಟ ಮ್ಯಾಲೆ ಗಾಯ ಆದ ಜೀವ ಸಿಗೂತನಕ, ಇಲ್ಲಾ ಅಂಬು ಬರೇ ನೆಲಕ್ಕ ಬಿದ್ದೈತಿ ಅಂತ ಖಾತ್ರಿ ಆಗೂತನಕ, ಹೊಡದಾವ ಉಣ್ಣಂಗಿಲ್ರಿ. ಅದರ ಹೊಟ್ಟ್ಯಾಗ ಅಂಬು ಇಟ್ಟು ನಮ್ಮ ಹೊಟ್ಟ್ಯಾಗ ಅನ್ನ ಇಡೂದು ಅಂದ್ರೇನು?” ತಾವು ಪ್ರಾಯದಲ್ಲಿ ಒಮ್ಮೆ ಎರಡು ದಿವಸ ಬರೀ ನೀರು ಕುಡಿದು ಒಂದು ಗಾಯದ ಚಿಗರಿಯ ಹಿಂದೆ ನಡೆದದ್ದನ್ನೂ ಹೇಳಿದರು. ಅವರ ದನಿಯಲ್ಲಿ ಜಂಬ ಇರಲಿಲ್ಲ, ಮರುಕ ಇತ್ತು. ನನಗೆ ಮಾತ್ರ ‘ಎರಡು ದಿವಸ’ ಎಂಬುದೊಂದೇ ಕೇಳಿಸಿತು, ಉಂಡದ್ದೆಲ್ಲ ಅಲ್ಲಿಯೇ ಕರಗಿಹೋಯಿತು.

ಹಾನಗಲ್ಲಿಗೆ ಮರಳುವ ಮೋಟಾರಿನಲ್ಲಿ ಕುಳಿತು ವಿಚಾರ ಮಾಡಿದೆ. ಗುರಿ ಕಲಿಯುವುದು ಎರಡು ತಿಂಗಳಿನಲ್ಲಿ ಆಗುವ ಕೆಲಸವಲ್ಲ. ಅಂಬಿಗೆ ಎಂಥ ಮೊನೆ ಹಾಕಬೇಕೆಂದರೆ, ಎಲ್ಲಿಯೇ ತಾಗಲಿ, ಪ್ರಾಣಿ ನಿಂತಲ್ಲೇ ಬೀಳಬೇಕು, ನಾನು ಊಟದ ಹೊತ್ತಿಗೆ ಮನೆಯಲ್ಲಿರಬೇಕು. ಹಾನಗಲ್ಲಿನ ಕಮ್ಮಾರನಿಗೆ ಅಗಲವಾದ ಮೊನೆ ಮಾಡಿಕೊಡಲು ಹೇಳಿದೆ. ಅವನು ಕಳೆ ತೆಗೆಯುವ ಕುರ್ಚಿಗಿಯಷ್ಟು ಭಾರದ್ದೊಂದು ಮಾಡಿಕೊಟ್ಟ. ಆ ಅಂಬು ಮಾವನವರು ಕೊಟ್ಟು ಕಳಿಸಿದ್ದ ಬಿಲ್ಲಿನಿಂದ ಹೊರಟು ಹತ್ತು ಹೆಜ್ಜೆ ಹೋಗಿ, ದೇವರಿಗೆ ನಮಸ್ಕಾರ ಮಾಡಿದ ಹಾಗೆ ನೆಲಕ್ಕೆ ತಲೆಯಿಟ್ಟು ಮಲಗಿತು. “ಮಾಸ್ತರ್ರ, ಚಿಗರಿಗೆ ಸ್ವಲ್ಪ ಸಮೀಪ ಬಾ ಅಂತ ಹೇಳ್ರಿ” ಎಂದ ಕಮ್ಮಾರ.

ದಾರಿ ತೋರಿಸಿದ್ದು ಶಿಗ್ಗಾಂವಿಯ ಶೇಂಗಾ. ಮಾಸ್ತರರ ಸಭೆಗೆಂದು ಅಲ್ಲಿಗೆ ಹೋದವನು ಸಭೆ ಮುಗಿಯುವವರೆಗೆ ತಡೆಯಲಾರದೆ ಮೋಟಾರ್ ಸ್ಟ್ಯಾಂಡಿಗೆ ಬಂದು ಹುರಿದ ಶೇಂಗಾ ಕೊಂಡೆ. ಕಟ್ಟಿಕೊಟ್ಟ ಕಾಗದ ಅಮೆರಿಕದ ಯಾವುದೋ ಪತ್ರಿಕೆಯದು. ಅದರಲ್ಲಿ ಎರಡು ಚಿತ್ರ. ಒಂದರಲ್ಲಿ ಅಂಬಿನ ಅಲಗುಗಳು ಮಡಚಿಕೊಂಡು ಸೂಜಿಯ ಹಾಗೆ ಸಣ್ಣಗಿದ್ದವು. ಇನ್ನೊಂದರಲ್ಲಿ ಜಿಂಕೆಗೆ ತಾಗಿದ ಕೂಡಲೇ ಎರಡೂ ಕಡೆ ಅಗಲವಾಗಿ ಬಿಚ್ಚಿಕೊಂಡಿದ್ದವು. ಹಾರುವಾಗ ಹಗುರ, ತಾಗಿದಾಗ ಅಗಲ! ನಾನು ಶೇಂಗಾ ತಿನ್ನುವುದನ್ನೇ ಮರೆತೆ, ಅದು ನನ್ನ ಜನ್ಮದಲ್ಲಿ ಮೊದಲನೆಯ ಸಲ. ಕೆಳಗೆ ಡಾಲರಿನಲ್ಲಿ ಬೆಲೆ ಬರೆದಿದ್ದರು. ಮಾಸ್ತರನ ಪಗಾರಕ್ಕೆ ಎಟಕುವ ಬೆಲೆಯಲ್ಲ. ಮಡಚುವುದು, ತಾಗಿದರೆ ಬಿಚ್ಚುವುದು... ಇದನ್ನು ನಮ್ಮ ಸೀಮೆಯಲ್ಲಿ ಅಗ್ಗದಲ್ಲಿ ಮಾಡಬಲ್ಲವರು ಯಾರು? ಥಟ್ಟನೆ ಹೊಳೆಯಿತು: ಸವಣೂರಿನ ಛತ್ರಿ ರಿಪೇರಿಯ ಖಾದರಸಾಬ.

ಖಾದರಸಾಬ ಸವಣೂರಿನ ವೀಳ್ಯದೆಲೆಯನ್ನು ದವಡೆಯಲ್ಲಿಟ್ಟುಕೊಂಡು ಚಿತ್ರವನ್ನು ಬಹಳ ಹೊತ್ತು ನೋಡಿದ. “ಮಾಸ್ತರ ಸಾಹೇಬ್ರ, ನನ್ನ ಛತ್ರಿ ಬಿಚ್ಚಬೇಕಾದಾಗ ಬಿಚ್ಚಂಗಿಲ್ಲ, ಮುಚ್ಚಬೇಕಾದಾಗ ಮುಚ್ಚಂಗಿಲ್ಲ ಅಂತ ಜನಾ ಬೈತಾರ. ಅದನ್ನ ನೀವು ಬಾಣಕ್ಕ ಕೂಡ್ಸು ಅಂತೀರಿ. ನನಗೇನು ತಕರಾರಿಲ್ರಿ, ಚಿಗರೀನ ಒಂದು ಮಾತು ಕೇಳ್ರಿ” ಎಂದ. ಆದರೆ ಕೆಲಸಗಾರ ಅಂದರೆ ಕೆಲಸಗಾರ. ಮುರಿದ ಛತ್ರಿಗಳ ಕಡ್ಡಿ, ಸ್ಪ್ರಿಂಗ್, ಹಳೆಯ ಕ್ಷೌರದ ಕತ್ತಿಯ ಎರಡು ತುಂಡು ಸೇರಿಸಿ ಎಂಟು ದಿನದಲ್ಲಿ ಮಾಡಿಯೇಬಿಟ್ಟ.

ಪರೀಕ್ಷೆಯನ್ನು ಸಾಲೆ ಬಿಟ್ಟ ಮೇಲೆ ಸಾಲೆಯ ಹಿತ್ತಲಲ್ಲಿ ಇಟ್ಟುಕೊಂಡೆ. ಮೊದಲ ಸಲ ಅದು ನಡುದಾರಿಯಲ್ಲೇ ಬಿಚ್ಚಿಕೊಂಡು, ಗಾಳಿಗೆ ಸಿಕ್ಕು, ಹೆಡ್‌ಮಾಸ್ತರರ ಕೋಣೆಯ ಮೇಲಿನ ಹಂಚಿಗೆ ಹೋಗಿ ಕೂತಿತು. ಹೆಡ್‌ಮಾಸ್ತರರು ಹೊರಗೆ ಬಂದು ಮೇಲೆ ನೋಡಿ, “ಇದು ಸರಕಾರಿ ಕಟ್ಟಡ ಐತ್ರಿ, ಓಡಿ ಹೋಗಂಗಿಲ್ಲ. ಹೊಡ್ಯೂದೇನು ಗಡಿಬಿಡಿ ಇಲ್ಲ” ಎಂದು ಒಳಗೆ ಹೋದರು. ತನ್ನ ಕೆಲಸ ನೋಡಲೆಂದು ಸವಣೂರಿನಿಂದ ಬಂದಿದ್ದ ಖಾದರಸಾಬ ಸ್ಪ್ರಿಂಗ್ ಬಿಗಿ ಮಾಡಿಕೊಟ್ಟ. ಈ ಸಲ ಬಾಳೆಯ ದಿಂಡಿನೊಳಗೆ ಹೋದ ಅಂಬು ಬಿಚ್ಚಲೇ ಇಲ್ಲ, ಹೋದಷ್ಟೇ ಸಭ್ಯತೆಯಿಂದ ಹೊರಗೆ ಬಂತು. ಎಣ್ಣೆ ಬಿಟ್ಟು ನೋಡಿದೆವು, ಉಜ್ಜಿ ನೋಡಿದೆವು. ಕೊನೆಗೆ ಅವನೇ ಸೈಕಲ್ ಟ್ಯೂಬಿನಿಂದ ಒಂದು ತೆಳು ಬಳೆ ಕತ್ತರಿಸಿ ಅಲಗುಗಳಿಗೆ ತೊಡಿಸಿದ. ತಾಗುವವರೆಗೆ ಹಿಡಿದಿರಬೇಕು, ತಾಗಿದ ಕೂಡಲೇ ಜಾರಬೇಕು. ಹೊಟ್ಟು ತುಂಬಿದ ಚೀಲಕ್ಕೆ ಚಿಗರಿಯ ತೊಗಲಿನ ಬದಲು ಕಂಬಳಿ ಹೊದಿಸಿ ಹೊಡೆದೆ. ಅಂಬು ಒಳಗೆ ಹೋದದ್ದೇ ತಡ ಪಟ್ಟನೆ ಬಿಚ್ಚಿ ಚೀಲವನ್ನು ಗೇಣುದ್ದ ಸೀಳಿತು! ನನ್ನ ಕಣ್ಣಲ್ಲಿ ನೀರು ಬಂತು. ಕಂಬಳಿ ನೋಡಿ ನನ್ನಾಕೆಯ ಕಣ್ಣಲ್ಲಿಯೂ ಬಂತು, ಬೇರೆ ಕಾರಣಕ್ಕೆ. “ಚಿಗರಿ ಸಾಯಾಕ ಛತ್ರಿ ಯಾಕ ಬೇಕ್ರಿ? ಸಾಯೂಮುಂದ ಮಳ್ಯಾಗ ತೋಯಬಾರ್ದಂತನ?” ಎಂದಳು. ಆ ಚೀಲಕ್ಕೆ ಹೊಡೆದದ್ದು ಐದು ಹೆಜ್ಜೆಯಿಂದ ಎಂಬುದನ್ನು ನಾನು ಯಾರಿಗೂ ಹೇಳಲಿಲ್ಲ.

ಎಳ್ಳ ಅಮಾಸಿ ಬಂತು. ಹೊಲದಲ್ಲಿ ಬನ್ನಿಗಿಡದ ಕೆಳಗೆ ಐದು ಕಲ್ಲಿಟ್ಟು ಪಾಂಡವರೆಂದು ಪೂಜೆ ಮಾಡಿ, ಎಡೆಯ ಅನ್ನವನ್ನು ಹೊಲದಲ್ಲೆಲ್ಲ ಎರಚಿ ಚರಗ ಚೆಲ್ಲಿ, ನಾವೆಲ್ಲ ಸಜ್ಜಿರೊಟ್ಟಿ, ಎಣ್ಣೆಗಾಯಿ, ಕಡಬು ಉಂಡೆವು. ಅತ್ತೆಯವರು ಅಳಿಯನ ಹೊಸ ಅಂಬನ್ನೂ ಆ ಕಲ್ಲುಗಳ ಮುಂದೆ ಇಟ್ಟು, ಕುಂಕುಮ ಹಚ್ಚಿ, ಮೊನೆಗೆ ಅರಿಸಿನದ ದಾರವನ್ನು ಐದು ಸುತ್ತು ಸುತ್ತಿ ಗಟ್ಟಿಯಾಗಿ ಗಂಟು ಹಾಕಿದರು. ಸರಿಯಾಗಿ ಅಲಗು ಬಿಚ್ಚಿಕೊಳ್ಳುವ ಜಾಗದಲ್ಲಿ! ಮರುದಿನ ಹೊರಡುವಾಗ ನಾನು ಚಾಕು ತೆಗೆದದ್ದನ್ನು ಕಂಡು, “ಹರಿಬ್ಯಾಡ್ರೀ ಯಪ್ಪಾ, ಪೂಜಿ ದಾರ ತಾನ ಹರೀಬೇಕು” ಎಂದರು. ಎರಡು ತಿಂಗಳ ಸಂಶೋಧನೆ ಒಂದು ಮೊಳ ದಾರಕ್ಕೆ ಸಿಕ್ಕಿಬಿದ್ದಿತ್ತು. ಅತ್ತೆಯ ಮಾತು ಮೀರಿದರೆ ಮುಂದಿನ ಹೋಳಿಗೆಗಳ ಗತಿಯೇನು? ಚಾಕು ಮಡಚಿ ಕಿಸೆಯಲ್ಲಿಟ್ಟೆ.

ಬೇಟೆಗೆ ನಸುಕಿನಲ್ಲಿ ಬರಿಹೊಟ್ಟೆಯಲ್ಲಿಯೇ ಹೋಗಬೇಕಂತೆ. ಹೊತ್ತೇರುವ ಸುಮಾರಿಗೆ ಹಿಂಡು ಬಂತು. ಮುಂದಿದ್ದ ಕರಿಯ ಗಂಡು ಚಿಗರಿ ತಲೆ ಎತ್ತಿ ನನ್ನ ಕಡೆಗೇ ನೋಡಿತು. ಅಷ್ಟು ಚಂದದ ಕಣ್ಣನ್ನು ನಾನು ನೋಡಿರಲಿಲ್ಲ. ನಿಜ ಹೇಳುತ್ತೇನೆ, ಹೊಡೆಯುವುದೇ ಬೇಡ ಅನ್ನಿಸಿತು. ಅಷ್ಟರಲ್ಲಿ ಬೆವೆತ ಬೆರಳು ತಾನೇ ಜಾರಿ ಅಂಬು ಹೋಗಿಬಿಟ್ಟಿತು. ಹಿಂಡು ಒಂದೇ ನೆಗೆತಕ್ಕೆ ಮಾಯ. ಅಂಬೂ ಮಾಯ. “ತಾಗ್ತೇನ್ರಿ?” ಎಂದರು ಮಾವನವರು. “ಗೊತ್ತಿಲ್ರಿ ಮಾವಾರ, ನಾನು ಕಣ್ಣು ಮುಚ್ಚಿದ್ದೆ” ಎಂದೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ನಾನೂ ತಪ್ಪನ್ನು ದಾರದ ಮೇಲೆ ಹಾಕಬಹುದಿತ್ತು, ಆದರೆ ಆ ಮುದುಕರ ಮುಖ ನೋಡಿ ಸುಳ್ಳು ಬರಲಿಲ್ಲ.

ಹುಡುಕಲು ಹತ್ತಿದೆವು. ರಕ್ತದ ಹನಿ ಸಿಗಲಿಲ್ಲ, ಅಂಬೂ ಸಿಗಲಿಲ್ಲ. ಹೊತ್ತು ನೆತ್ತಿಗೆ ಬಂತು. ಅತ್ತೆಯವರೂ ನನ್ನಾಕೆಯೂ ಬುತ್ತಿ ತಂದು ಬದುವಿನ ಮೇಲೆ ಇಳಿಸಿದರು. ಗಾಳಿ ಎಣ್ಣೆಗಾಯಿಯ ವಾಸನೆಯನ್ನು ನೇರವಾಗಿ ನನ್ನ ಮೂಗಿಗೇ ತಂದುಕೊಟ್ಟಿತು. “ನೀವಾರ ಉಣ್ರಿ ಮಾವಾರ” ಎಂದೆ. “ಹೊಡದಾವ್ರು ನೀವು, ಕರಕೊಂಡು ಬಂದಾವ ನಾನು. ಇಬ್ಬರಿಗೂ ಅದ ರೀತಿ” ಎಂದು ಅವರು ಬಾಗಿ ಹುಡುಕುತ್ತ ಮುಂದೆ ನಡೆದರು. ಎಪ್ಪತ್ತರ ಹತ್ತಿರದ ಮನುಷ್ಯ. ಹೋಳಿಗೆ ತಿನ್ನುತ್ತ ನಾನಾಡಿದ ಒಂದು ಹಾಳು ಮಾತಿಗಾಗಿ ಉಪವಾಸ ಬಿದ್ದಿದ್ದರು. ನನಗೆ ನಿಜವಾಗಿ ನಾಚಿಕೆಯಾಯಿತು, ಅವರೊಂದಿಗೆ ಸಂಜೆಯವರೆಗೂ ತಡೆಯಬೇಕೆಂದು ಹಲ್ಲು ಕಚ್ಚಿದೆ.

ಕಾಲು ಗಂಟೆ ತಡೆದೆ. ಆಮೇಲೆ ಹೊಲದ ಆ ತುದಿಯಲ್ಲಿ, ಕುಸುಬಿಯ ಸಾಲಿನ ಮರೆಯಲ್ಲಿ, ರಕ್ತದ ಹನಿ ನೋಡುವವನಂತೆ ಮೊಣಕಾಲೂರಿದೆ. ಮೂಗಿನ ಮುಂದೆ ಹಸಿ ಕಡಲೆ. ಹುಳಿ ಹುಳಿ ಎಲೆ, ತುಂಬಿದ ಕಾಯಿ. ಒಂದು ಕಿತ್ತೆ, ಪರೀಕ್ಷೆಗೆಂದು. ಎರಡನೆಯದನ್ನು ಏಕೆಂದು ಹೇಳಲಾರೆ. ಐದು ನಿಮಿಷದಲ್ಲಿ ನಾನು ಕಾಯಿ ಬಿಡಿಸುವುದನ್ನು ಬಿಟ್ಟು, ಗಿಡಗಳನ್ನು ಹಿಡಿದು ಬಗ್ಗಿ ನೇರವಾಗಿ ಬಾಯಿಯಿಂದಲೇ ವ್ಯವಹಾರ ಮಾಡುತ್ತಿದ್ದೆ. ಅಷ್ಟರಲ್ಲಿ ಸುಂಯ್ ಎಂದು ಬಂದ ಒಂದು ಮಣ್ಣಿನ ಹೆಂಟೆ ನನ್ನ ಬೆನ್ನಿಗೆ ಬಡಿದು ಪುಡಿಯಾಯಿತು. ಹಿಂದಿನಿಂದಲೇ ಮಾವನವರ ಕೂಗು: “ಹೇಯ್! ಮತ್ತ ಬಂತಲ್ಲೋ ಚಿಗರಿ! ಹೇಯ್!” ಹೊಲ ಕಾಯಲೆಂದು ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ ಕವಣೆಗೆ ಎರಡನೆಯ ಹೆಂಟೆ ಇಡುತ್ತಿದ್ದರು. ನಾನು ಎರಡೂ ಕೈ ಮೇಲೆತ್ತಿ ಎದ್ದು ನಿಂತು, “ನಾನ್ರೀ ಮಾವಾರ!” ಎಂದೆ. ಎರಡೂ ಕೈಯಲ್ಲಿ ಕಡಲೆ ಗಿಡ ಇದ್ದವು.

ಮಾವನವರು ಹತ್ತಿರ ಬಂದು ನನ್ನನ್ನು ನೋಡಿದರು, ನನ್ನ ಹಸಿರು ತುಟಿ ನೋಡಿದರು, ಬೋಳಾದ ನಾಲ್ಕು ಗಿಡ ನೋಡಿದರು. ಆ ಕ್ಷಣದಲ್ಲಿ ಭೂಮಿ ಬಾಯಿಬಿಟ್ಟಿದ್ದರೆ ಒಳಗೆ ಹೋಗುತ್ತಿದ್ದೆ. ಕವಣೆಯನ್ನು ಮತ್ತೆ ಸೊಂಟಕ್ಕೆ ಸಿಕ್ಕಿಸಿ ಅವರು ನನ್ನ ಪಕ್ಕ ಸಾಲಿನಲ್ಲಿ ಕುಕ್ಕರುಗಾಲಲ್ಲಿ ಕುಂತು, ತಾವೂ ಒಂದು ಗಿಡ ಕಿತ್ತು, ಕಾಯಿ ಸುಲಿದು ಬಾಯಿಗೆ ಹಾಕಿಕೊಂಡರು. “ನಾಚಬ್ಯಾಡ್ರಿ. ಹಸಿ ಕಡ್ಲಿ ಊಟ ಅಲ್ಲ, ಮೇವು. ಮೇದ್ರ ನೇಮಾ ಮುರಿಯಂಗಿಲ್ಲ” ಎಂದರು. ಇಬ್ಬರೂ ಮೇದೆವು. ಸ್ವಲ್ಪ ಹೊತ್ತಿಗೆ ಬದುವಿನಿಂದ ನನ್ನಾಕೆ ಅಂಬು ಎತ್ತಿ ತೋರಿಸಿ ಕೂಗಿದಳು. ಅದು ಚಿಗರಿ ನಿಂತಿದ್ದ ದಿಕ್ಕು ಬಿಟ್ಟು ಇನ್ನೊಂದೇ ಕಡೆ, ಮೇವಿನ ಬಣವಿಯಲ್ಲಿ ಚುಚ್ಚಿಕೊಂಡಿತ್ತಂತೆ. ರಕ್ತವಿರಲಿಲ್ಲ, ಅತ್ತೆಯ ದಾರದ ಒಂದು ಎಳೆಯೂ ಹರಿದಿರಲಿಲ್ಲ. ಮಾವನವರು ಕೈಮುಗಿದರು. ನಾನೂ ಮುಗಿದೆ, ಆ ಕರಿಯ ಚಿಗರಿ ಎಲ್ಲೋ ನೆಟ್ಟಗಿದೆ ಎಂಬ ಸಮಾಧಾನಕ್ಕೆ.

ಆ ಮುದುಕರು ಬದುಕಿರುವತನಕ ಕುಸುಬಿಯ ಮರೆಯ ಸಂಗತಿಯನ್ನು ಊರಲ್ಲಿ ಒಬ್ಬರಿಗೂ ಹೇಳಲಿಲ್ಲ. ಅತ್ತೆಯವರೂ ನನ್ನಾಕೆಯೂ ಬದುವಿನ ಮೇಲೆ ನಿಂತು ಎಲ್ಲವನ್ನೂ ನೋಡಿದ್ದರೆಂಬುದು ನನಗೆ ತಡವಾಗಿ ತಿಳಿಯಿತು. ಮನೆಗೆ ಬಂದವರು ಗೋಡೆಗೆ ತೂಗುಹಾಕಿದ ಬಿಲ್ಲನ್ನು ನೋಡಿ, “ಏನ್ ಮಾಸ್ತರ್ರ, ಇದರಿಂದ ಚಿಗರಿ ಸಿಕ್ಕಿತ್ತೇನು?” ಎಂದು ಕೇಳಿದರೆ ನಾನು ಗಂಭೀರವಾಗಿ ಕೆಮ್ಮುತ್ತೇನೆ. ಒಳಗಿನಿಂದ ನನ್ನಾಕೆಯೇ ಉತ್ತರ ಕೊಡುತ್ತಾಳೆ: “ಒಂದು ಸಿಕ್ಕೈತ್ರಿ. ನಮ್ಮಪ್ಪ ಜೀವಂತ ಹಿಡದ. ಅವತ್ತಿಂದ ನಾನ ಸಾಕಾಕತ್ತೇನಿ.”