ತಿಕೋಟಾದ ಮೇಲೆ ನಾನು ತರಿಸಿದ ಮೋಡ

ಇಲ್ಲದ ಲೋಕಗಳ ಬಗ್ಗೆ ಬರೆದ ಪುಸ್ತಕಗಳನ್ನು ಇಲ್ಲದ ಓದುಗರಿಗಾಗಿ ವಿಮರ್ಶಿಸುವುದೂ ಒಂದು ಕೆಲಸವೇ ಎಂದು ಯಾರಾದರೂ ಕೇಳಿದರೆ ನನ್ನಲ್ಲಿ ಉತ್ತರವಿಲ್ಲ. ಸಮಾಧಾನವೆಂದರೆ ಈವರೆಗೆ ಯಾರೂ ಕೇಳಿಲ್ಲ. ಕೇಳಬೇಕಾದರೆ ಮೊದಲು ಓದಬೇಕಲ್ಲ. ವಿಜಯಪುರದ ನಾಲ್ಕು ಪುಟದ ದಿನಪತ್ರಿಕೆಯೊಂದರಲ್ಲಿ ಒಂದೂಕಾಲು ವರ್ಷದಿಂದ, ಪ್ರತಿ ಶುಕ್ರವಾರ, ಹೊಸ ವೈಜ್ಞಾನಿಕ ಕಾದಂಬರಿ, ಮಾಯಾಲೋಕದ ಕಥೆ, ಅಂಥದೇ ಸಿನಿಮಾ ಮತ್ತು ಕಾಮಿಕ್ಸುಗಳ ಬಗ್ಗೆ ಬರೆಯುತ್ತಿದ್ದೇನೆ. ನನ್ನ ಅಂಕಣ ಮೂರನೇ ಪುಟದಲ್ಲಿ ಬರುತ್ತದೆ. ಮೇಲೆ ಒಣದ್ರಾಕ್ಷಿಯ ದರ, ಕೆಳಗೆ ಶ್ರದ್ಧಾಂಜಲಿಗಳು. ಓದುವವರ ಕಣ್ಣು ದರ ನೋಡಿಕೊಂಡು ನೇರವಾಗಿ ಸತ್ತವರ ಫೋಟೊಕ್ಕೆ ಇಳಿಯುತ್ತದೆ. ನಡುವಿನ ಶೂನ್ಯದಲ್ಲಿ ನಾನಿದ್ದೇನೆ.

ನಿಜವಾದ ಹೆಸರಿನಲ್ಲಿ ಬರೆಯುವುದಿಲ್ಲ. ಇದು ವಿನಯವಲ್ಲ, ಅನುಭವ. ನನ್ನ ಹೆಸರು ಪತ್ರಿಕೆಯಲ್ಲಿ ಒಮ್ಮೆ ಬಂದಿತ್ತು, ಅಂಕಪಟ್ಟಿ ಕಳೆದುಹೋಗಿದೆ ಎಂಬ ಎರಡು ಸಾಲಿನ ಪ್ರಕಟಣೆಯಲ್ಲಿ. ಬಬಲೇಶ್ವರದ ಅತ್ತೆಯಿಂದ ಹಿಡಿದು ಬಳಗವೆಲ್ಲ ಅದನ್ನು ಓದಿ, ಆರು ತಿಂಗಳು ಕಂಡಲ್ಲೆಲ್ಲ "ಸಿಕ್ತೇನ ಬೇ ಅದು?" ಎಂದು ಕೇಳಿತು. ಹಾಗಾಗಿ ಅಂಕಣದ ವಿಷಯ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ತೊರವಿ ರಸ್ತೆಯ ಕಾಲೇಜೊಂದರ ಗ್ರಂಥಾಲಯದಲ್ಲಿ ನನಗೆ ಕೆಲಸವಿರುವುದರಿಂದ, ಕೈಯಲ್ಲಿ ಯಾವ ಪುಸ್ತಕವಿದ್ದರೂ ನೌಕರಿಯ ಪುಸ್ತಕ ಎಂದೇ ಅವರ ತಿಳಿವಳಿಕೆ. ಸಿನಿಮಾದ್ದೇ ಕಷ್ಟ. ಸಿದ್ಧೇಶ್ವರ ಗುಡಿಯ ಹಿಂದಿನ ನಮ್ಮ ಓಣಿಯಲ್ಲಿ ಹುಡುಗಿ ಒಬ್ಬಳೇ ಸಿನಿಮಾಕ್ಕೆ ಹೋದರೆ ಅದೂ ಒಂದು ಪ್ರಕಟಣೆಯೇ. ಆದ್ದರಿಂದ ಅವ್ವನನ್ನು ಕರೆದುಕೊಂಡು ಹೋಗುತ್ತೇನೆ. ಹೋದ ವರ್ಷ ನಾಯಕನೊಬ್ಬ ಇನ್ನೊಂದು ಸೂರ್ಯನ ಕಡೆ ಹೊರಟಾಗ ಅವ್ವ ನನ್ನ ಕಿವಿಯಲ್ಲಿ, "ಅಷ್ಟ ದೂರ ಹೊಂಟಾನಲ್ಲ, ಬುತ್ತಿ ಏನ್ ಕಟಗೊಂಡಾನ?" ಎಂದಳು. ಸುಮ್ಮನೆ ನೋಡು ಎಂದೆ. "ಸಜ್ಜಿ ರೊಟ್ಟಿ ಆದ್ರ ತಿಂಗಳ ಇರ್ತಾವ. ಅನ್ನ ಆದ್ರ ನಾಳಿಗೇ ಹಳಸತೈತಿ," ಎಂದು ವಿರಾಮದವರೆಗೂ ಅವನ ಚಿಂತೆ ಮಾಡಿದಳು. 'ನಾಯಕನ ಆಹಾರದ ವ್ಯವಸ್ಥೆಯನ್ನು ನಿರ್ದೇಶಕರು ಯೋಚಿಸಿಲ್ಲ' ಎಂದು ಬರೆದೆ. ನನ್ನ ವಿಮರ್ಶೆಗಳಲ್ಲಿ ತೂಕವಿದ್ದ ವಾಕ್ಯ ಅದೊಂದೇ ಇರಬೇಕು.

ಮೊನ್ನೆ ಮಾರ್ಚಿನಲ್ಲಿ ಸಂಪಾದಕರು ಕರೆಸಿದರು. "ಮೇಡಂ, ಹದಿನಾಕ ತಿಂಗಳಾತು. ಒಂದ ಫೋನ್ ಇಲ್ಲ, ಒಂದ ಪತ್ರ ಇಲ್ಲ. ಈ ತಿಂಗಳ ತನಕ ನೋಡೂಣ್ರಿ. ಒಬ್ಬರರ ಓದ್ಯಾರ ಅಂತ ಗೊತ್ತಾಗ್ಲಿ. ಇಲ್ಲಾಂದ್ರ ಆ ಜಾಗಾ ದ್ರಾಕ್ಷಿ ದರಕ್ಕ ಕೊಡ್ತೀನಿ."

"ಬೈದು ಫೋನ್ ಮಾಡಿದ್ರ ನಡೀತೈತೇನ್ರಿ?" ಎಂದೆ.

"ಬೈದ್ರ ಇನ್ನೂ ಚಲೋ. ಬೈಯಾಕರ ಓದಿರಬೇಕಲ್ರಿ."

ಜೊತೆಗೆ ಒಂದು ಸಲಹೆ ಕೊಟ್ಟರು: ನಮ್ಮ ಕಡೆಯ ಊರಿನ ಹೆಸರು ಹಾಕಿದರೆ ಮಂದಿ ಓದುತ್ತಾರೆ. ನಾನೂ ಒಂದು ಬೇಡಿಕೆ ಇಟ್ಟೆ. ಜಾಗ ಸಾಲದಿದ್ದಾಗ ಅವರು ಎಲ್ಲ ಬರಹವನ್ನೂ ಕೆಳಗಿನಿಂದ ಕತ್ತರಿಸುತ್ತಾರೆ. ಸುದ್ದಿಗೆ ಅದು ಸರಿ, ಮುಖ್ಯವಾದದ್ದು ಮೇಲೆಯೇ ಬಂದಿರುತ್ತದೆ. ವಿಮರ್ಶೆಯಲ್ಲಿ ತೀರ್ಪು ಇರುವುದೇ ಕೆಳಗೆ. ಬಾಯಿ ಬಿಟ್ಟು ಏನನ್ನೂ ಕೇಳದ ನಾನು ಅಂದು ಗಟ್ಟಿಯಾಗಿ ಹೇಳಿದೆ, "ಕೆಳಗಿಂದ ಕತ್ತರಸಬ್ಯಾಡ್ರಿ. ನನ್ನ ಕೊನೀ ಮಾತು ಉಳೀಬೇಕು." ಅವರು ತಲೆಯಾಡಿಸಿದರು. ನನ್ನ ಮಾತಿಗೆ ಅವರು ಒಪ್ಪಿದ್ದು ಅದೇ ಮೊದಲು.

ಆ ವಾರ ಕೈಯಲ್ಲಿದ್ದದ್ದು 'ಮೋಡಗಳ ಗುತ್ತಿಗೆದಾರ' ಎಂಬ ಹೊಸ ಕಾದಂಬರಿ. ಕಂಪನಿಯೊಂದು ಬೇರೆ ದೇಶದ ಮೋಡಗಳನ್ನು ಎಳೆದು ತಂದು ಒಣನಾಡಿಗೆ ಮಾರುವ ಕಥೆ. ಸಂಪಾದಕರ ಸಲಹೆಯಂತೆ, 'ಇದು ತಿಕೋಟಾದಲ್ಲೇ ನಡೆಯುತ್ತದೆ ಎಂದು ಊಹಿಸಿಕೊಳ್ಳಿ' ಎಂದು ಆರಂಭಿಸಿದೆ. ಗುರುವಾರ ಸಂಜೆ ದ್ರಾಕ್ಷಿ ಒಣಗಿಸುವ ಬಲೆಯ ದೊಡ್ಡ ಜಾಹೀರಾತೊಂದು ಬಂತು. ಸಂಪಾದಕರು ಮಾತಿಗೆ ತಪ್ಪುವವರಲ್ಲ, ಮೇಲಿನಿಂದ ಕತ್ತರಿಸಿದರು. ಅಂಕಣದ ಹೆಸರು, ಪುಸ್ತಕದ ಹೆಸರು, ಊಹಿಸಿಕೊಳ್ಳಿ ಎಂಬ ನನ್ನ ವಿನಂತಿ ಎಲ್ಲ ಹೋದವು. ಶುಕ್ರವಾರ ಬೆಳಿಗ್ಗೆ, ಒಣದ್ರಾಕ್ಷಿ ದರದ ಕೆಳಗೆ ಉಳಿದದ್ದು ಹೀಗೆ ಶುರುವಾಗುತ್ತಿತ್ತು: 'ಬರುವ ಮಂಗಳವಾರ ಮಧ್ಯಾಹ್ನ ಕಂಪನಿಯೊಂದು ತಿಕೋಟಾದ ಮೇಲೆ ಮೋಡಗಳನ್ನು ತಂದು ನಿಲ್ಲಿಸುತ್ತದೆ.' ನಾನು ಕಾದಾಡಿ ಉಳಿಸಿಕೊಂಡ ತೀರ್ಪು ಕೊನೆಯಲ್ಲಿ ಭದ್ರವಾಗಿತ್ತು: 'ಆರಂಭದಲ್ಲಿ ಬಿರುಸು, ನಡುವೆ ಮಂದ, ಕೊನೆಯಲ್ಲಿ ಪೂರ್ತಿ ಒಣ.'

ತಿಕೋಟಾದ ದ್ರಾಕ್ಷಿ ಬೆಳೆಗಾರರು ವರ್ಷವಿಡೀ ಮಳೆ ಬರಲೆಂದೂ, ಕೊಯ್ದ ದ್ರಾಕ್ಷಿ ಶೆಡ್ಡಿನಲ್ಲಿ ಒಣಗುವ ಮಾರ್ಚಿನ ದಿನಗಳಲ್ಲಿ ಮಾತ್ರ ಬಾರದಿರಲೆಂದೂ ಬೇಡುವವರು. ಎಂಟು ಗಂಟೆಗೆ ಅಪ್ಪನಿಗೆ ಫೋನ್ ಬಂತು. ಅಲ್ಲಿ ದ್ರಾಕ್ಷಿ ತೋಟ ಇರುವ ಅಪ್ಪನ ತಮ್ಮ, ನನ್ನ ಕಾಕಾ. "ಅಣ್ಣಾ, ಪೇಪರ್ ನೋಡೀಯೇನ? ಮಂಗಳವಾರ ಮಳಿ ಐತಿ. ಯಾವದೋ ಕಂಪನ್ಯಾವ್ರು ತರಾಕತ್ತಾರಂತ. ನಮ್ಮನ್ನ ಒಂದ ಮಾತ ಕೇಳಬೇಕಿಲ್ಲೇನ?" ನಾನು ಚಹಾ ಅಲ್ಲೇ ಇಟ್ಟು ಹೊರಗೆ ಹೋದೆ.

ಸಂಪಾದಕರಿಗೆ ಫೋನ್ ಮಾಡಿದೆ. "ಹನ್ನೊಂದ ಫೋನ್ ಬಂದಾವ್ರಿ ಮೇಡಂ," ಎಂದರು.

"ನನ್ನ ಅಂಕಣಕ್ಕ?"

"ಮಳಿಗೆರಿ. ಅವನ್ನ ಲೆಕ್ಕಕ್ಕ ಹಿಡ್ಯಾಕ ಬರೂದಿಲ್ಲ. ತಿದ್ದುಪಡಿ ಶುಕ್ರವಾರ ನಿಮ್ಮ ಜಾಗಾದಾಗ ಹಾಕೂಣು."

ಮಳೆ ಇರುವುದು ಮಂಗಳವಾರ ಎಂದೆ. ಹನ್ನೆರಡನೆಯ ಫೋನ್ ಬರುತ್ತಿದೆ ಎಂದು ಅವರು ನನ್ನದನ್ನು ಇಟ್ಟರು.

ಭಾನುವಾರ ಕಾಕಾನ ನೆರವಿಗೆಂದು ನಾವೆಲ್ಲ ತಿಕೋಟಾಕ್ಕೆ ಹೋದೆವು. ಶೆಡ್ಡಿನ ನಾಲ್ಕೂ ಕಡೆ ಮಳೆ ತಡೆಯುವ ತಾಡಪತ್ರಿ ಹಾಳೆ ಕಟ್ಟುವ ಸಿದ್ಧತೆ ನಡೆದಿತ್ತು. ಕಟ್ಟಿದರೆ ಗಾಳಿ ಆಡದೆ ದ್ರಾಕ್ಷಿ ಕಪ್ಪಾಗುತ್ತದೆ, ಕಟ್ಟದಿದ್ದರೆ ಮಳೆ ಎಂದು ಕಾಕಾ ಹಗ್ಗ ಹಿಡಿದು ನಿಂತಿದ್ದರು. ಬಾಯಿ ಬಿಡದೆ ದಾರಿಯಿರಲಿಲ್ಲ.

"ಕಾಕಾ, ಅದನ್ನ ಬರದಾಕಿ ನಾನ. ಮಳಿ ಬರೂದಿಲ್ಲ. ಅದು ಕಾದಂಬರಿ."

ಕಾಕಾ ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿದರು. "ನೀ ಗ್ರಂಥಾಲಯದಾಕಿ. ಇದು ಪೇಪರಿನ್ಯಾಗ ಬಂದೈತಿ ಬೇ," ಎಂದು ಹಗ್ಗ ಬಿಗಿದರು.

ಫೋನಿನಲ್ಲಿದ್ದ ಪೂರ್ತಿ ಬರಹವನ್ನು ಅಪ್ಪನ ಕೈಗೆ ಕೊಟ್ಟೆ. ಅಪ್ಪ ಕನ್ನಡಕ ಹಾಕಿಕೊಂಡು, ಮೊದಲ ಸಾಲಿನಿಂದ, ಶಾಲೆಯ ಮಾಸ್ತರರ ಧಾಟಿಯಲ್ಲಿ ಗಟ್ಟಿಯಾಗಿ ಓದಿದರು. ದ್ರಾಕ್ಷಿ ಆರಿಸುತ್ತಿದ್ದ ಹೆಣ್ಣುಮಕ್ಕಳು ಕೈ ನಿಲ್ಲಿಸಿ ಕೇಳಿದರು. ಎಲ್ಲಾದರೂ ಅಡಗಿಕೊಳ್ಳೋಣವೆಂದರೆ ಶೆಡ್ಡಿಗೆ ಗೋಡೆಗಳೇ ಇರುವುದಿಲ್ಲ. ಓದು ಮುಗಿದ ಮೇಲೆ ಅವ್ವ, "ಬುತ್ತೀ ಮಾತ ಬರದಾಕೀನೂ ನೀನ ಏನ?" ಎಂದಳು. ಹೌದೆಂದೆ. ಅವಳು ಅದನ್ನು ಓದಿದ್ದಳೆಂಬುದೇ ನನಗೆ ಗೊತ್ತಿರಲಿಲ್ಲ. ಆ ಪುಟದಲ್ಲಿ ಬುತ್ತಿ ಕಟ್ಟಿದ್ದಳಂತೆ.

ಕಾಕಾ ಹಗ್ಗ ಬಿಚ್ಚಿದರು. ಬೈಯುತ್ತಾರೆಂದು ಕಾದೆ. ಅವರು ಗೋಣಿಚೀಲದ ಮೇಲೆ ಕೂತು, "ಅದಿರ್ಲಿ, ಆ ಕಂಪನಿಯಾಂವ ಕೊನಿಗೆ ಏನ್ ಆದಾ?" ಎಂದರು.

ಹದಿನಾಲ್ಕು ತಿಂಗಳಲ್ಲಿ ಒಬ್ಬ ಓದುಗ ನನ್ನೆದುರು ಕೂತು ಪ್ರಶ್ನೆ ಕೇಳಿದ್ದು ಇದೇ ಮೊದಲು. ನಾನು ನೆಲ ನೋಡುತ್ತ, "ವಿಮರ್ಶೆ ಬರಿಯಾವ್ರು ಕೊನಿ ಹೇಳಬಾರದು ಕಾಕಾ," ಎಂದೆ.

"ಗುಟ್ಟಿನಾಕಿ," ಎಂದು ಅವರು ಮೆಚ್ಚಿ ನಕ್ಕರು. ಅಲ್ಲೇ ಸಂಪಾದಕರಿಗೆ ಫೋನ್ ಹಚ್ಚಿದರು. "ನಾ ತಿಕೋಟಾದಾವ್ರೀ. ಮಳೀದ ಅಲ್ಲ, ಆ ಕಥೀದ ಕೇಳಾಕತ್ತೇನಿ. ಕೊನಿಗೆ ಏನಾತಂತ ಬರದಾಕಿ ಹೇಳವಲ್ಲಳು." ಆ ಒಂದು ಫೋನಿನಿಂದ ನನ್ನ ಅಂಕಣ ಉಳಿಯಿತು.

ಸಂತೋಷಪಡಬೇಕಿತ್ತು. ಆದರೆ ಇಲ್ಲಿಯವರೆಗೆ ಯಾರಿಗೂ ಹೇಳದ ಮಾತೊಂದಿದೆ. ಕೊನೆಯಲ್ಲಿ ಏನಾಯಿತೆಂದು ನನಗೂ ಗೊತ್ತಿರಲಿಲ್ಲ. ಬರಹ ಕೊಡುವ ಗಡುವು ಬಂದಾಗ ನಾನು ಇನ್ನೂರಾ ಹನ್ನೆರಡನೇ ಪುಟದಲ್ಲಿದ್ದೆ. ಉಳಿದ ತೊಂಬತ್ತು ಪುಟಗಳು ಹೇಗಿರಬಹುದೆಂದು ಅಂದಾಜು ಮಾಡಿ ತೀರ್ಪು ಬರೆದಿದ್ದೆ. ಮನೆಗೆ ಬಂದವಳೇ ಅವನ್ನು ಓದಿದೆ. ಮೋಡಗಳು ಮಾರಿದವನ ಮಾತು ಕೇಳದೆ ತಮ್ಮಷ್ಟಕ್ಕೆ ಸುರಿಯತೊಡಗುವ ಆ ಪುಟಗಳಷ್ಟು ಹಸಿಯಾದದ್ದನ್ನು ಈಚೆಗೆ ನಾನು ಓದಿಲ್ಲ.

ಕಾಕಾ ಈಗ ಪುಸ್ತಕವನ್ನೇ ಕೇಳಿ ತರಿಸಿಕೊಂಡಿದ್ದಾರೆ. ನಾನು ಬರೆದದ್ದನ್ನು ಕತ್ತರಿಸಿ ಮೊದಲ ಪುಟದಲ್ಲಿ ಇಟ್ಟುಕೊಂಡು, ತಾಳೆ ನೋಡುತ್ತ, ದಿನಕ್ಕೆ ಹತ್ತು ಪುಟ ಓದುತ್ತಾರಂತೆ. ಒಬ್ಬ ಓದುಗ ಸಿಕ್ಕಲೆಂದು ಹಂಬಲಿಸಿದವಳು ಈಗ ಆತನಿಗೆ ಪುರುಸೊತ್ತು ಸಿಗದಿರಲೆಂದು ಬೇಡುತ್ತಿದ್ದೇನೆ. ನಿನ್ನೆ ಅಪ್ಪನ ಫೋನಿನಲ್ಲಿ ನನಗೆ ಸುದ್ದಿ ಬಂತು: ಇನ್ನೂರಾ ಹತ್ತು ಮುಗಿದಿದೆ, ಇಲ್ಲಿಯವರೆಗೆ ನೀನು ಬರೆದದ್ದೆಲ್ಲ ಸರಿಯಾಗಿದೆ.