ಲುಸ್ಸ ಕಲ್ಲೋ, ಖನಿಜವೋ?

ಹಾಜ್ಜಾ ಮಬ್ರೂಕಾ: ಲುಸ್ಸ ಅಂದ್ರೆ ಲುಸ್ಸ ಕಣಪ್ಪ. ಕತ್ತೇನ ಕತ್ತೆ ಅಂತೀವಿ. ಅದಕ್ಕೆ ಇನ್ನೊಂದು ಹೆಸರು ಹುಡುಕ್ತಾ ಕೂರ್ತೀವಾ?

ಶಕೀಬ್: ಮನೆ ಯಾವುದರಿಂದ ಕಟ್ಟಿದ್ದು ಅನ್ನೋ ಕಡೆ ಫಾರಂನಲ್ಲಿ ಆ ಪದ ಇಲ್ಲ, ಹಾಜ್ಜಾ. ಇಟ್ಟಿಗೆ ಇದೆ, ಸಿಮೆಂಟ್ ಇದೆ, ಕಲ್ಲು ಇದೆ, ಮರ ಇದೆ.

ಹಾಜ್ಜಾ: ಮರ! ಈ ಸೂಫ್ ಮರಳುಗಾಡಲ್ಲಿ ಮರದ ಮನೆ! ಈ ಫಾರಂ ಬರೆದ ಪುಣ್ಯಾತ್ಮ ಇಲ್ಲಿಗೆ ಬಂದಿದ್ನಾ, ಇಲ್ಲಾ ಯಾರಾದ್ರೂ ಅವನಿಗೆ ಕಾಗದ ಬರೆದು ತಿಳಿಸಿದ್ರಾ?

ಪುರಸಭೆಯ ಮೂರನೇ ಕಿಟಕಿ. ಒಳಗೆ ಶಕೀಬ್, ಸಮುದ್ರದ ದಡದ ಅನ್ನಾಬಾದವನು. ಭೂವಿಜ್ಞಾನ ಓದಿ, ಕಲ್ಲಿನ ಕೆಲಸ ಸಿಗದೆ ಕಾಗದದ ಕೆಲಸಕ್ಕೆ ಬಂದವನು. ಹೊರಗೆ ನನ್ನ ಅಜ್ಜಿ ಹಾಜ್ಜಾ ಮಬ್ರೂಕಾ. ಅವಳ ಪಕ್ಕದಲ್ಲಿ ನಾನು, ನಫೀಸಾ, ಅವಳಿಗೆ ಕಾಗದ ಓದಿ ಹೇಳಲು ಬಂದವಳು. ಗುರುವಾರ ನನ್ನ ಮದುವೆ.

ವಧು ಕೂರಬೇಕಾದ ಕೋಣೆಯ ಗುಮ್ಮಟ ನಿನ್ನೆ ಕುಸಿದಿತ್ತು. ಬುಧವಾರ ವರನ ಕಡೆಯ ಹೆಂಗಸರು ಮೆಹಂದಿ ಹಿಡಿದು ಬರುತ್ತಾರೆ. ಅವರ ಮುಂದೆ ನಡೆಯುವವಳು ತುರ್ಕಿಯಾ, ನನ್ನ ಅತ್ತೆಯಾಗಲಿರುವವಳು. ಚಹಾ ತೆಳುವಾಗಿದೆಯೆಂದು ದೊಡ್ಡ ಮಗನ ಸಂಬಂಧವನ್ನೇ ಮುರಿದು ಎದ್ದುಬಂದ ಹೆಂಗಸು. ಚಾವಣಿಯಿಲ್ಲದ ಕೋಣೆಯಲ್ಲಿ ಆಕೆ ನನ್ನ ಕೈ ಹಿಡಿಯುವುದುಂಟೆ? ಮೇಸ್ತ್ರಿ ಲಝರ್ ಎರಡೇ ದಿನದಲ್ಲಿ ಗುಮ್ಮಟ ಎಬ್ಬಿಸಬಲ್ಲ. ಆದರೆ ಪುರಸಭೆಯ ಅನುಮತಿ ಚೀಟಿ ಕೈಗೆ ಬಾರದೆ ಒಂದು ಕಲ್ಲನ್ನೂ ಮುಟ್ಟುವುದಿಲ್ಲವೆಂದು ಹಟ ಹಿಡಿದಿದ್ದ. ಈಗ ಹುಬ್ಬಿನ ತುಂಬ ಗಾರೆಯ ಪುಡಿ ಹೊತ್ತುಕೊಂಡು ಬಾಗಿಲ ಬಳಿ ನಿಂತಿದ್ದ.

ಅಜ್ಜಿ ಸೆರಗಿನ ಗಂಟು ಬಿಚ್ಚಿ ಒಂದು ಲುಸ್ಸವನ್ನು ಫಾರಂನ ಮೇಲೆ ಇಟ್ಟಳು. ಬಿಸ್ಕತ್ತಿನ ಬಣ್ಣ, ಒಂದಕ್ಕೊಂದು ಕಚ್ಚಿಕೊಂಡ ಎಸಳುಗಳು. ಕಾಗದದ ಮೇಲೆ ಬಿಳಿ ಹುಡಿ ಉದುರಿತು.

ಶಕೀಬ್: ಓ, ಇದಾ! ಇದು ಮರಳುಗುಲಾಬಿ. ನಮ್ಮ ಪುಸ್ತಕದಲ್ಲಿ ಚಿತ್ರ ಇದೆ.

ಹಾಜ್ಜಾ: ಗುಲಾಬಿನಾ? ಸರಿ, ಮೂಸಿ ನೋಡು. ಮೂಗು ಹರಿದರೆ ನನ್ನ ಕೇಳಬೇಡ.

ಶಕೀಬ್: ಶಾಸ್ತ್ರೀಯವಾಗಿ ಹೇಳಬೇಕು ಅಂದ್ರೆ ಜಿಪ್ಸಮ್. ಇದರ ತೂಕದಲ್ಲಿ ಐದರಲ್ಲಿ ಒಂದು ಪಾಲು ನೀರು.

ಹಾಜ್ಜಾ: ನೀರು? ಇದರೊಳಗೆ?

ಶಕೀಬ್: ಹೌದು. ಕಣ್ಣಿಗೆ ಕಾಣಲ್ಲ.

ಹಾಜ್ಜಾ: ನಮ್ಮಪ್ಪ ನೀರಿಗೋಸ್ಕರ ಹನ್ನೆರಡು ವರ್ಷ ಇದನ್ನ ಒಡೆದು ಒಡೆದು ಎಸೆದ. ಎಸೀತಿರೋದೇ ನೀರು ಅಂತ ಆಗ ಬಂದು ಹೇಳೋಕೇನಾಗಿತ್ತು ನಿನಗೆ?

ಶಕೀಬ್: ಆಗ ನಾನು ಹುಟ್ಟೇ ಇರಲಿಲ್ಲ.

ಹಾಜ್ಜಾ: ಅದರಲ್ಲೂ ತಡ. ಇರ್ಲಿ, ನಮ್ಮ ಬಾವಿ ಬತ್ತಿದೆ. ಎರಡು ಬಿಂದಿಗೆ ಹಿಂಡಿ ಕೊಡು.

ಶಕೀಬ್: ಹಾಗೆ ಹಿಂಡೋಕಾಗಲ್ಲ, ಹಾಜ್ಜಾ. ಸುಡಬೇಕು.

ಲಝರ್: ಸುಟ್ಟರೆ ಗಾರೆ ಬರುತ್ತೆ ಸ್ವಾಮಿ. ನಲವತ್ತು ವರ್ಷ ಆಯ್ತು ಸುಡೋಕೆ ಹಿಡಿದು. ಒಂದು ಲೋಟ ನೀರೂ ಸಿಕ್ಕಿಲ್ಲ.

ಶಕೀಬ್ ಬೆವರು ಒರೆಸಿಕೊಂಡು ಪೆನ್ನು ತೆಗೆದ.

ಶಕೀಬ್: ಒಂದು ಕೆಲಸ ಮಾಡೋಣ. ಕೆಳಗೆ ಷರಾ ಅಂತ ಜಾಗ ಇದೆ. ಲುಸ್ಸ ಪದದ ಅರ್ಥ ಹೇಳಿ, ಬರ್ಕೋತೀನಿ.

ಹಾಜ್ಜಾ: ಬರ್ಕೋ. ಒಂದು, ಗುದ್ದಲಿ ಮುರಿಯೋದು.

ಶಕೀಬ್: ಅದು ಅರ್ಥ ಅಲ್ಲ, ಪರಿಣಾಮ.

ಹಾಜ್ಜಾ: ಎರಡು, ಸಿಹಿನೀರಿನ ಮೇಲೆ ಮುಚ್ಚಳ ಹಾಕಿರೋದು.

ಶಕೀಬ್: ಅದು ಇರೋ ಜಾಗ ಆಯ್ತು.

ಹಾಜ್ಜಾ: ಮೂರು, ಎಷ್ಟು ಕುಟ್ಟಿದ್ರೂ ಒಳಗೆ ಏನೂ ಇಳಿಯದ ತಲೆ.

ಶಕೀಬ್: ಇದು... ಇದು ಬೈಗುಳ.

ಹಾಜ್ಜಾ: ಅಲ್ಲಪ್ಪ. ಉದಾಹರಣೆ.

ನಾನು ನಗು ತಡೆದುಕೊಂಡೆ. ಆದರೆ ಎರಡನೆಯ ಅರ್ಥ ಅವಳು ತಮಾಷೆಗೆ ಹೇಳಿದ್ದಲ್ಲ. ನಮ್ಮಲ್ಲಿ ಖರ್ಜೂರದ ತೋಟವನ್ನು ನೆಲದ ಮೇಲೆ ಮಾಡುವುದಿಲ್ಲ. ಗಿಡದ ಬೇರು ನೀರು ಮುಟ್ಟುವ ತನಕ ಮರಳನ್ನು ಬಗೆದು, ಕುಳಿಯ ತಳದಲ್ಲಿ ನೆಡುತ್ತೇವೆ. ಬಗೆಯುವವನು ಕೆಳಗಿನಿಂದ ‘ಲುಸ್ಸ!’ ಎಂದು ಕೂಗಿದರೆ ಮೇಲೆ ನಿಂತ ಹೆಂಗಸರು ನಾಲಿಗೆ ಕುಣಿಸಿ ಹರ್ಷದ ಕೂಗು ಹಾಕುತ್ತಿದ್ದರಂತೆ. ಆ ಪದರ ಒಡೆದರೆ ನೀರು. ಒಡೆದ ಕಲ್ಲು ಮೇಲೆ ಬಂದು ಗೋಡೆಯಾಗುತ್ತಿತ್ತು. ತೋಟ ಇಳಿದಷ್ಟೂ ನಮ್ಮ ಮನೆ ಎದ್ದಿತು.

ಇದನ್ನೆಲ್ಲ ಬರೆಯಲು ಷರಾ ಅಂಕಣದಲ್ಲಿ ಒಂದೂವರೆ ಸಾಲಿನ ಜಾಗವಿತ್ತು.

ಶಕೀಬ್: ಹೋಗಲಿ. ಕಲ್ಲು ಅಂತ ಬರೀಲಾ?

ಹಾಜ್ಜಾ: ಬರಿ.

ಶಕೀಬ್: ಬರೆಯೋಕಾಗಲ್ಲ.

ಹಾಜ್ಜಾ: ಮತ್ತೆ ಕೇಳಿದ್ದು ಯಾಕೆ, ನನ್ನ ದನಿ ಚೆನ್ನಾಗಿದೆ ಅಂತಲಾ?

ಶಕೀಬ್: ಕಲ್ಲು ಅಂದ್ರೆ ಶಿಲೆ. ಇದು ಖನಿಜ. ಹೇಗೆ ಹೇಳಲಿ... ನೀವು ಕುಸ್‌ಕುಸ್ ಮಾಡ್ತೀರಲ್ಲ? ಅದರಲ್ಲಿ ರವೆ, ಕುಂಬಳಕಾಯಿ, ಕಡಲೆ, ಮಾಂಸ ಎಲ್ಲಾ ಸೇರಿರುತ್ತೆ. ಅದು ಶಿಲೆ. ಬರೀ ರವೆ ಇದ್ರೆ ಅದು ಖನಿಜ.

ಹಾಜ್ಜಾ: ಅಂದ್ರೆ ಲುಸ್ಸ ಬಡವರ ಮನೆ ಕುಸ್‌ಕುಸ್ ಅನ್ನು.

ಲಝರ್: ಇದರಲ್ಲಿ ಮರಳೂ ಸೇರಿರುತ್ತೆ ಸ್ವಾಮಿ. ಒಡೆದು ನೋಡಿ. ಬರೀ ರವೆ ಅಲ್ಲ.

ಶಕೀಬ್: ಮರಳು ಲೆಕ್ಕಕ್ಕಿಲ್ಲ.

ಹಾಜ್ಜಾ: ಕೇಳಿದ್ಯಾ ನಫೀಸಾ? ಸೂಫ್‌ನಲ್ಲಿ ಮರಳು ಲೆಕ್ಕಕ್ಕಿಲ್ಲವಂತೆ! ಮೊದಲು ನಿನ್ನ ಬೂಟು ಬಿಚ್ಚಿ ಕೊಡವು, ಮಗನೇ. ಆಮೇಲೆ ಲೆಕ್ಕ ಹೇಳು.

ಶಕೀಬ್: ನೀವು ಏನೇ ಹೇಳಿ, ಇದು ಖನಿಜ. ನಾನು ಇದನ್ನೇ ಓದಿದೋನು. ನೆಲದಡಿಯ ಖನಿಜ ಎಲ್ಲಾ ಸರ್ಕಾರದ್ದು ಅಂತ ಸುತ್ತೋಲೆ ಇದೆ. ಅಗೆಯೋ ಹಾಗಿಲ್ಲ, ಕಟ್ಟೋ ಹಾಗಿಲ್ಲ.

ಅಜ್ಜಿ ಸುಮ್ಮನಾದಳು. ಅವಳು ಸುಮ್ಮನಾದರೆ ನಮ್ಮ ಓಣಿಯಲ್ಲಿ ಮಕ್ಕಳನ್ನು ಒಳಗೆ ಕರೆದುಕೊಳ್ಳುತ್ತಾರೆ. ಶಕೀಬನಿಗೆ ಅದು ತಿಳಿದಿರಲಿಲ್ಲ.

ಹಾಜ್ಜಾ: ಹಾಗಾದ್ರೆ ನನ್ನ ಗೋಡೆ?

ಶಕೀಬ್: ಗೋಡೆ ನಿಮ್ಮದೇ. ಗೋಡೆಯೊಳಗಿರೋದು ಸರ್ಕಾರದ್ದು.

ಹಾಜ್ಜಾ: ನಡುವೆ ಮೆತ್ತಿರೋ ಗಾರೆ?

ಶಕೀಬ್: ಅದನ್ನ ಯಾವುದರಿಂದ ಮಾಡ್ತೀರಾ?

ಲಝರ್: ತೆಫ್ಜಾ ಸುಟ್ಟು. ಅದೂ ಲುಸ್ಸದ ತಮ್ಮನೇ, ಸ್ವಲ್ಪ ಮೆತ್ತಗಿನ ಸ್ವಭಾವ.

ಶಕೀಬ್: ಹಾಗಾದ್ರೆ ಗಾರೆಯೂ ಸರ್ಕಾರದ್ದು.

ಹಾಜ್ಜಾ: ನನ್ನದು ಏನುಳೀತು?

ಶಕೀಬ್: ಬಾಗಿಲು. ಬಾಗಿಲು ಖಂಡಿತ ನಿಮ್ಮದು.

ಹಾಜ್ಜಾ: ಯಾ ರಬ್ಬೀ! ಐವತ್ತು ವರ್ಷದಿಂದ ಸರ್ಕಾರದೊಳಗೆ ಮಲಗಿದ್ದೀನಿ! ಗೊತ್ತಿದ್ರೆ ಇಷ್ಟು ಜೋರಾಗಿ ಗೊರಕೆ ಹೊಡೀತಿರಲಿಲ್ಲ. ಸರಿ, ನೀನು ಓದಿದೋನು. ಖನಿಜ ಅಂತಲೇ ಬರಿ.

ನಾನು ಅವಳ ತೋಳು ಹಿಡಿದೆ. ಅವಳು ನನ್ನ ಕೈಯನ್ನು ಮೆಲ್ಲಗೆ ಬಿಡಿಸಿದಳು. ಶಕೀಬ್ ಗೆದ್ದವನ ನಿಧಾನದಲ್ಲಿ ಬರೆದ, ಊದಿದ, ಮುದ್ರೆ ಒತ್ತಿದ. ನನ್ನ ಗುರುವಾರ ಆ ನೇರಳೆ ಶಾಯಿಯ ಕೆಳಗೆ ಒಣಗತೊಡಗಿತು.

ಹಾಜ್ಜಾ: ಮುದ್ರೆ ಬಿತ್ತಾ? ನಫೀಸಾ, ಓದು.

ನಾನು: ‘ಅರ್ಜಿದಾರಳ ಮನೆಯಲ್ಲಿ ಕುಸಿದು ಬಿದ್ದಿರುವ ಹದಿನಾಲ್ಕು ಗಾಡಿ ಲುಸ್ಸವು ಸರ್ಕಾರಿ ಖನಿಜವೆಂದು ದೃಢೀಕರಿಸಲಾಗಿದೆ.’

ಹಾಜ್ಜಾ: ಎಷ್ಟು ಚೆಂದ ಬರೀತಾನೆ! ಈಗ ಹೇಳು ಮಗನೇ, ಸರ್ಕಾರದ ಹದಿನಾಲ್ಕು ಗಾಡಿ ಸಾಮಾನು ಹೇಳದೆ ಕೇಳದೆ ನನ್ನ ಕೋಣೆಯೊಳಗೆ ಬಂದು ಬಿದ್ದಿದೆ. ನನ್ನ ಮಗ್ಗ ಚೂರಾಗಿದೆ. ಮೇಕೆ ಕುಂಟ್ತಾ ಇದೆ. ಯಾವಾಗ ತಗೊಂಡು ಹೋಗ್ತೀಯಾ?

ಶಕೀಬ್: ಯಾರು?

ಹಾಜ್ಜಾ: ಮುದ್ರೆ ಒತ್ತಿದೋನು.

ಶಕೀಬ್: ಅಲ್ಲ ಹಾಜ್ಜಾ, ಅದು ಅಲ್ಲೇ ಇರ್ಲಿ. ನೀವು ಸ್ವಲ್ಪ ನೋಡ್ಕೊಳ್ಳಿ.

ಹಾಜ್ಜಾ: ನನಗೆ ಎಪ್ಪತ್ತೆರಡು. ಉಪ್ಪು ಯಾವುದು ಸಕ್ಕರೆ ಯಾವುದು ಅಂತ ನೆಕ್ಕಿ ನೋಡ್ತೀನಿ. ಸರ್ಕಾರ ತನ್ನ ಖಜಾನೆ ಕಾಯೋಕೆ ನನ್ನನ್ನ ಇಟ್ಟುಕೊಳ್ಳುತ್ತಾ? ನಾಳೆ ದಾರೀಲಿ ಹೋಗೋನು ಯಾರೋ ಎರಡು ಕಲ್ಲು ಎತ್ತಿ ಒಲೆ ಹೂಡಿದ್ರೆ ಜೈಲಿಗೆ ನಾನು ಹೋಗ್ಲಾ, ನೀನಾ?

ಶಕೀಬ್: ಅಷ್ಟು ದೂರ ಯಾಕೆ ಹೋಗ್ತೀರಾ?

ಹಾಜ್ಜಾ: ದೂರ ಎಲ್ಲಿ, ಇಲ್ಲೇ. ಲಝರ್, ಗಾಡಿ ಕಟ್ಟು. ಹದಿನಾಲ್ಕೂ ಈ ಕಿಟಕಿ ಮುಂದೆ ಇಳಿಸು. ನೋಡ್ಕೊಂಡು ಇಳಿಸು, ಗುಲಾಬಿ ಅದು, ಎಸಳು ಮುರಿದೀತು.

ಲಝರ್: ಊಟಕ್ಕೆ ಮುಂಚೆ ನಾಲ್ಕು ಗಾಡಿ ತರ್ತೀನಿ.

ಹಾಜ್ಜಾ: ಹಾಗೇ ನಮ್ಮ ಓಣಿಯ ನಲವತ್ತು ಮನೆಗೂ ಹೇಳಿ ಬಾ. ಯಾರ ಗುಮ್ಮಟ ಬಿರುಕು ಬಿಟ್ಟರೂ, ಯಾರ ಗೋಡೆ ಉದುರಿದ್ರೂ, ಅದು ಶಕೀಬನದು. ಮೂರನೇ ಕಿಟಕಿ.

ಸಾಲಿನಲ್ಲಿ ಹಿಂದೆ ನಿಂತಿದ್ದ ಇಬ್ಬರು ಮುದುಕರು ಆಸೆಯಿಂದ ಮುಂದೆ ಬಾಗಿದರು. ಅವರಲ್ಲೊಬ್ಬನ ಕುರಿದೊಡ್ಡಿ ಹೋದ ವರ್ಷವೇ ಉರುಳಿತ್ತಂತೆ. ಶಕೀಬ್ ಫಾರಂ ಹರಿಯಲು ಕೈ ಹಾಕಿದ. ಮೂಲೆಯಲ್ಲಿ ಅಚ್ಚಾಗಿದ್ದ ಸಂಖ್ಯೆ ಕಂಡು ಕೈ ತೆಗೆದ.

ಶಕೀಬ್: ಇದನ್ನ ಹರಿಯೋ ಹಾಗಿಲ್ಲ. ಸಂಖ್ಯೆ ಇದೆ. ತಡೀರಿ... ಸುತ್ತೋಲೆಯಲ್ಲಿ ವಿನಾಯಿತಿ ಪಟ್ಟಿ ಅಂತ ಒಂದಿದೆ. ಇಂಥದ್ದಕ್ಕೆ ಬಳಸಿದ್ರೆ ಖನಿಜ ಆದ್ರೂ ಪರವಾಗಿಲ್ಲ ಅಂತ. ಹಾ, ಗೋರಿಕಲ್ಲು! ಗೋರಿಗೆ ಅಂತ ಬರೀಲಾ?

ಹಾಜ್ಜಾ: ಬರಿ. ಯಾರ ಗೋರಿ ಅಂತಲೂ ಬರೀಬೇಕಲ್ಲ? ನಿನ್ನ ತಂದೆ ಹೆಸರು ಏನು?

ಶಕೀಬ್: ಬೇಡ, ಬೇಡ. ಮಸೀದಿ?

ಹಾಜ್ಜಾ: ಸುಳ್ಳು ಹೇಳಿ ಮಸೀದಿ ಕಟ್ಟಿಸ್ತೀಯಾ? ನಾನು ಮೆಕ್ಕಾ ನೋಡಿ ಬಂದೋಳು.

ಶಕೀಬ್: ಕುಡಿಯೋ ನೀರಿನ ತೊಟ್ಟಿ?

ಹಾಜ್ಜಾ: ಅದಕ್ಕೇ ಆಗ ಹಿಂಡು ಅಂದಿದ್ದು.

ಶಕೀಬ್: ಔಷಧಿ, ಶಾಲೆಯ ಪ್ರಯೋಗ, ವಧುವಿನ ಸಾಮಾನು... ವಧುವಿನ ಸಾಮಾನು! ಹಾಜ್ಜಾ, ಮನೆಯಲ್ಲಿ ಯಾರಿಗಾದ್ರೂ ಮದುವೆ ಇದೆಯಾ?

ಅಜ್ಜಿ ನನ್ನನ್ನು ಹಿಡಿದು ಕಿಟಕಿಯ ಮುಂದೆ ನಿಲ್ಲಿಸಿದಳು. ಶಕೀಬ್ ನನ್ನನ್ನು ಮೊದಲ ಸಲ ನೋಡಿದ. ತೀರ್ಥಯಾತ್ರೆಯಲ್ಲಿ ಬಾಯಾರಿದವನು ಬಾವಿಯನ್ನು ನೋಡುವಂತೆ ನೋಡಿದ.

ಶಕೀಬ್: ಮುಬಾರಕ್, ತಂಗೀ, ಮುಬಾರಕ್! ಯಾವತ್ತು?

ನಾನು: ಗುರುವಾರ. ಗುಮ್ಮಟ ಇದ್ರೆ.

ಶಕೀಬ್: ಇರುತ್ತೆ, ಇರುತ್ತೆ. ಇಗೋ: ‘ಸದರಿ ಹದಿನಾಲ್ಕು ಗಾಡಿ ಖನಿಜವು ವಧು ನಫೀಸಾಳ ಮದುವೆಯ ಸಾಮಾನಾಗಿದ್ದು, ಆಕೆಯ ಇಚ್ಛೆಯಂತೆ ಬಳಸಬಹುದು.’ ಮುದ್ರೆ. ಇನ್ನೊಂದು ಮುದ್ರೆ. ಲಝರ್ ಮೇಸ್ತ್ರಿ, ದಯವಿಟ್ಟು ಗಾಡಿ ಮನೆ ಕಡೆ ಹೊಡೀರಿ.

ಹಾಜ್ಜಾ: ಓದಿದೋರು ಅಂದ್ರೆ ಹೀಗಿರಬೇಕು. ಮೊದಲೇ ಕೇಳಿದ್ರೆ ಮೊದಲೇ ಹೇಳ್ತಿದ್ದೆ, ಮದುವೆ ಅಂತ.

ಶಕೀಬ್: ನೀವು ಯಾಕೆ ಮೊದಲೇ ಹೇಳಲಿಲ್ಲ?

ಹಾಜ್ಜಾ: ಫಾರಂನಲ್ಲಿ ಎಲ್ಲಪ್ಪಾ ಇತ್ತು ಅದಕ್ಕೆ ಜಾಗ?

ನಾವು ಮೆಟ್ಟಿಲಿಳಿದೆವು. ಹೊರಗೆ ಬಿಸಿಲು ಬಿಳಿಯಾಗಿ ಬಿದ್ದಿತ್ತು. ಊರಿನ ಗುಮ್ಮಟಗಳೆಲ್ಲ ಒಂದೇ ಮಣೆಯ ಮೇಲೆ ಮಗುಚಿಟ್ಟ ಬಟ್ಟಲುಗಳ ಹಾಗೆ ಕಾಣುತ್ತಿದ್ದವು. ಒಳಗೊಳಗೇ ನಾನು ದಿನ ಎಣಿಸಿದೆ. ಇವತ್ತು, ನಾಳೆ ಕಟ್ಟಿದರೆ ಬುಧವಾರದ ಹೊತ್ತಿಗೆ ಗಾರೆ ಒಣಗುತ್ತದೆ. ಆದರೆ ಲಝರ್ ಕತ್ತೆಯ ಹಗ್ಗ ಹಿಡಿದು ನಿಂತೇ ಇದ್ದ.

ಹಾಜ್ಜಾ: ಇನ್ನೇನಪ್ಪ? ಚೀಟಿ ಬಂತಲ್ಲ.

ಲಝರ್: ಬಂತು. ಒಂದು ಮಾತು, ಹಾಜ್ಜಾ. ಮೆಹಂದಿ ದಿನ ವಧುವಿನ ಸಾಮಾನಿನ ಪಟ್ಟಿ ಎರಡು ಕಡೆಯವರ ಮುಂದೆ ಓದ್ತಾರೆ.

ಹಾಜ್ಜಾ: ಓದ್ಲಿ.

ಲಝರ್: ಓದಿದ್ದೆಲ್ಲಾ ಮದುವೆ ಮಾರನೇ ದಿನ ಗಂಡನ ಮನೆಗೆ ಹೋಗಬೇಕು. ಈಗ ಮುದ್ರೆ ಬೇರೆ ಬಿದ್ದಿದೆ. ನಿಮ್ಮ ಬೀಗತಿ ತುರ್ಕಿಯಾ ಒಂದು ಚಮಚ ಕಮ್ಮಿ ಬಂದ್ರೂ ಬಿಡೋಳಲ್ಲ. ನಾನು ಕಟ್ಟಿದ ಗುಮ್ಮಟಾನೇ ಕೊಡಿ ಅಂತ ಆಕೆ ಬಂದು ನಿಂತ್ರೆ?

ನಾನು ಅಜ್ಜಿಯ ಮುಖ ನೋಡಿದೆ. ಅವಳು ಚೀಟಿಯನ್ನು ನಾಲ್ಕು ಮಡಿಕೆ ಮಾಡಿ ಎದೆಯೊಳಗೆ ಇಟ್ಟುಕೊಂಡಳು. ಮುಸುಕು ಸರಿಮಾಡಿಕೊಂಡಳು. ಅವಸರವೇನೂ ಇರಲಿಲ್ಲ ಅವಳಿಗೆ.

ಹಾಜ್ಜಾ: ಬರ್ಲಿ ಲಝರ್, ಬೇಡ ಅನ್ನೋಕೆ ನಾನ್ಯಾರು? ಒಂದೊಂದೇ ಕಲ್ಲು ಕಿತ್ತುಕೊಂಡು ಹೋಗ್ಲಿ. ಗುಮ್ಮಟ ಕೀಳೋರು ಅದರ ಕೆಳಗೇ ನಿಂತುಕೋಬೇಕು, ಅಷ್ಟೆ.