ಭಾವನವರ ಎರಡನೆಯ ಮನೆ

ನಮ್ಮ ಭಾವನವರಿಗೆ ಎರಡು ಮನೆಗಳಿದ್ದವು. ಹಾಗೆಂದ ಕೂಡಲೇ ನೀವು ಸೆರಗು ಬಾಯಿಗಡ್ಡ ಹಿಡಿದು ನಗಬೇಡಿ! ನೀವು ಎಣಿಸಿದಂಥದ್ದೇನೂ ಅಲ್ಲ. ಹೈಸ್ಕೂಲಿನಲ್ಲಿ ಡ್ರಾಯಿಂಗ್ ಮೇಷ್ಟ್ರಾಗಿದ್ದ, ಕೋಟಿನ ಜೇಬಿನಲ್ಲಿ ಸದಾ ಸೀಮೆಸುಣ್ಣದ ಚೂರುಗಳನ್ನು ತುಂಬಿಕೊಂಡಿರುತ್ತಿದ್ದ, ಬೀದಿಯಲ್ಲಿ ಹೆಂಗಸರು ಎದುರಾದರೆ ತಾವೇ ಚರಂಡಿ ದಾಟಿ ಆಚೆ ನಿಲ್ಲುತ್ತಿದ್ದ ಮನುಷ್ಯ ಅವರು. ಒಂದು ಮನೆ ಸಾಗರದ ಹೊಸ ಬಡಾವಣೆಯಲ್ಲಿ ಎಲ್ಲರ ಕಣ್ಣಿಗೂ ಕಾಣುವಂತೆ ನಿಂತಿತ್ತು. ಇನ್ನೊಂದು ಎಲ್ಲಿದೆ ಎಂಬುದು ಸ್ವತಃ ಅವರಿಗೂ ಗೊತ್ತಿರಲಿಲ್ಲ. ಆದರೆ ಅದಕ್ಕೂ ತಿಂಗಳು ತಿಂಗಳು ದುಡ್ಡು ಕಟ್ಟುತ್ತಿದ್ದರು!

ಭಾವ ಎಂದರೆ ನನ್ನ ಯಜಮಾನರ ಅಣ್ಣ. ನಮ್ಮವರಿಗೆ ಕಾರ್ಗಲ್ಲಿನಲ್ಲಿ ಪ್ರಾಜೆಕ್ಟಿನ ಕೆಲಸ. ಲಿಂಗನಮಕ್ಕಿಯ ಕಟ್ಟೆ ಏಳುತ್ತಿದ್ದ ಕಾಲ ಅದು. ನಾವಿದ್ದದ್ದು ಕ್ವಾರ್ಟರ್ಸಿನಲ್ಲಿ. ಭಾನುವಾರ ಬಂತೆಂದರೆ ಬಸ್ಸು ಹತ್ತಿ ಸಾಗರಕ್ಕೆ ಹೋಗುತ್ತಿದ್ದೆವು. ಭಾವನವರಿಗೆ ನಮ್ಮ ಕ್ವಾರ್ಟರ್ಸಿನ ಮೇಲೆ ಎಲ್ಲಿಲ್ಲದ ತಾತ್ಸಾರ.

"ಅದೂ ಒಂದು ಮನೆಯಾ ತಂಗಿ? ಒಂದು ಮೊಳೆ ಹೊಡೀಬೇಕಂದ್ರೂ ಇಂಜಿನಿಯರಿಗೆ ಅರ್ಜಿ ಕೊಡ್ಬೇಕು. ಇಲ್ಲಿ ನೋಡು!" ಎಂದು ಬೆರಳ ಗೆಣ್ಣಿನಿಂದ ತಮ್ಮ ಗೋಡೆಯನ್ನು ಟಕ್ ಟಕ್ ಎಂದು ಬಡಿಯುತ್ತಿದ್ದರು. "ಕೇಳಿಸ್ತಾ? ಸ್ವಂತದ್ದರ ಸದ್ದೇ ಬೇರೆ."

ನಾನು ಕಿವಿಗೊಟ್ಟು ಕೇಳುತ್ತಿದ್ದೆ. ನಮ್ಮ ಕ್ವಾರ್ಟರ್ಸಿನ ಗೋಡೆ ಹೇಗೆ ಸದ್ದು ಮಾಡುತ್ತಿತ್ತೋ ಹಾಗೆಯೇ ಇತ್ತು. ಆದರೆ ಮದುವೆಯಾಗಿ ಆರು ತಿಂಗಳಾದ ಸೊಸೆ ಅಂಥದ್ದನ್ನೆಲ್ಲ ಬಾಯಿಬಿಟ್ಟು ಹೇಳುತ್ತಾಳೆಯೆ?

ಆ ಸ್ವಂತದ್ದಕ್ಕೆ ಊರಿನ ಸೊಸೈಟಿಯೊಂದು ಎಂಟು ಸಾವಿರ ಸಾಲ ಕೊಟ್ಟಿತ್ತು. ಮನೆಯೇ ಅಡಮಾನ. ಇಪ್ಪತ್ತು ವರ್ಷ, ತಿಂಗಳಿಗೆ ಅರವತ್ತೈದು ರೂಪಾಯಿಯ ಕಂತು. ಮೇಷ್ಟ್ರ ಸಂಬಳದಲ್ಲಿ ಅದು ಹತ್ತಿರ ಹತ್ತಿರ ಅರ್ಧ. ಭಾವನವರಿಗೆ ಬರೆಯಲು ಬಾರದ ಚಿತ್ರವಿರಲಿಲ್ಲ, ಆದರೆ ಲೆಕ್ಕದ ಹತ್ತಿರ ಸುಳಿದವರೇ ಅಲ್ಲ. ಒಂದು ಭಾನುವಾರ ಊಟವಾದ ಮೇಲೆ ಎಲೆಯಡಿಕೆ ಹಾಕಿಕೊಳ್ಳುತ್ತಾ ಹೇಳಿದರು:

"ತಂಗಿ, ನೀನು ಕಾನ್ವೆಂಟಿನಲ್ಲಿ ಓದಿದವಳು. ಒಟ್ಟು ಎಷ್ಟಾಗುತ್ತೆ ಅಂತ ಸುಮ್ನೆ ಒಂದ್ಸಲ ಕೂಡು ನೋಡುವಾ."

ಹಳೆಯ ಕ್ಯಾಲೆಂಡರಿನ ಬೆನ್ನಿನ ಮೇಲೆ ಪೆನ್ಸಿಲಿನಿಂದ ಗುಣಿಸಿದೆ. ಷೇರಿನ ಹಣ, ಸ್ಟಾಂಪು, ಬರವಣಿಗೆಯ ಖರ್ಚು ಎಲ್ಲಾ ಸೇರಿಸಿದೆ.

"ಹತ್ತಿರ ಹತ್ತಿರ ಹದಿನಾರು ಸಾವಿರ, ಭಾವ."

"ತಪ್ಪಿತು. ಮನೆ ಎಂಟು ಸಾವಿರದ್ದು."

"ಉಳಿದದ್ದು ಬಡ್ಡಿ."

ಭಾವ ಎಲೆಯ ತೊಟ್ಟು ಮುರಿಯುವುದನ್ನು ನಿಲ್ಲಿಸಿದರು. "ಹಾಗಂದ್ರೆ ನಾನು ಎರಡು ಮನೆಯ ದುಡ್ಡು ಕಟ್ತಿದೀನಾ?"

"ಹಾಗೇ ಅನ್ನಿ."

"ಸರಿ, ಒಂದು ಮನೆ ಇದು. ಇನ್ನೊಂದು ಎಲ್ಲಿ?"

ಶಿವಮೊಗ್ಗದಲ್ಲಿ ನಮಗೆ ಬಡ್ಡಿ ಲೆಕ್ಕ ಕಲಿಸಿದ ಸಿಸ್ಟರ್ ಬಹಳ ಒಳ್ಳೆಯವರು. ರಾಮನು ಸೋಮನಿಗೆ ಇಷ್ಟು ಹಣ ಕೊಟ್ಟರೆ ಇಷ್ಟು ವರ್ಷದ ಮೇಲೆ ಸೋಮನು ಎಷ್ಟು ಕೊಡಬೇಕು ಎಂಬುದನ್ನು ತಪ್ಪಿಲ್ಲದೆ ಕಂಡುಹಿಡಿದರೆ ಒಂದು ಪೆಪ್ಪರಮಿಂಟು ಕೊಡುತ್ತಿದ್ದರು. ಅಷ್ಟು ವರ್ಷ ಸೋಮನ ಮನೆಯಲ್ಲಿ ಏನು ಅಡುಗೆ ಮಾಡಿದರು, ಸೋಮನ ಹೆಂಡತಿ ಏನು ಉಟ್ಟಳು ಎಂಬುದು ಆ ಲೆಕ್ಕದಲ್ಲಿ ಇರುತ್ತಲೇ ಇರಲಿಲ್ಲ. ನಾನು ಪೆನ್ಸಿಲನ್ನು ಕ್ಯಾಲೆಂಡರಿನ ಮೇಲಿಟ್ಟು ಎದ್ದೆ.

ಆದರೆ ಭಾವ ಬಿಡುವವರೆ? ಸೋಮವಾರವೇ ಛತ್ರಿ ಹಿಡಿದು ಸೊಸೈಟಿಗೆ ನಡೆದರು. ಅಲ್ಲಿ ನಡೆದದ್ದನ್ನು ನಮಗೆ ಅವರೇ ಆಮೇಲೆ ಅಭಿನಯಿಸಿ ತೋರಿಸಿದರು.

"ಸ್ವಾಮಿ, ನನ್ನ ಇನ್ನೊಂದು ಮನೆ ತೋರಿಸ್ತೀರಾ?"

ಸೆಕ್ರೆಟರಿ ತಲೆಯೆತ್ತಿದರಂತೆ. "ಯಾವ ಇನ್ನೊಂದು ಮನೆ ಮೇಷ್ಟ್ರೇ?"

"ನನ್ನ ದುಡ್ಡಲ್ಲಿ ಎರಡು ಮನೆ ಆಗುತ್ತೆ. ನೀವು ಒಂದರ ಬೀಗದಕೈ ಮಾತ್ರ ಕೊಟ್ಟಿದೀರಿ."

"ಅದು ಬಡ್ಡಿ ಮಾರಾಯ್ರೆ!"

"ಇರ್ಲಿ. ಬಡ್ಡಿಗೆ ಎಷ್ಟು ಕಿಟಕಿ?"

ಸೆಕ್ರೆಟರಿ ನಕ್ಕ ರಭಸಕ್ಕೆ ಎಲೆಯಡಿಕೆಯ ರಸ ಅಂಗಿಯ ಮೇಲೆ ಬಿತ್ತಂತೆ. "ಇದನ್ನೆಲ್ಲಾ ಸಹಿ ಹಾಕುವಾಗ ಕೇಳ್ಬೇಕಿತ್ತು."

"ಸಹಿ ಹಾಕುವಾಗ ನಮ್ಮನೆಯವಳು ಒಲೆ ಯಾವ ಕಡೆ ಹಾಕ್ಸೋದು ಅಂತ ಕೇಳಿದ್ಲು. ನಾನು ಅದನ್ನೇ ಯೋಚಿಸ್ತಿದ್ದೆ."

ಅಂದಿನಿಂದ ಶುರುವಾಯಿತು ನೋಡಿ, ಆ ಮನೆಯ ಮಾತು. ಈ ಮನೆಯಲ್ಲಿ ಇಲ್ಲದ್ದೆಲ್ಲವೂ ಆ ಮನೆಯಲ್ಲಿರುತ್ತಿತ್ತು! ನಮ್ಮವರು ರೇಡಿಯೋ ತಗೊಳ್ಳಿ ಅಣ್ಣ ಎಂದರೆ, "ಆ ಮನೇಲಿದೆಯಲ್ಲ" ಎನ್ನುತ್ತಿದ್ದರು. ಮಲಗುವ ಕೋಣೆಗೆ ಗಾರೆ ಮಾಡಿಸುವುದು ನಿಂತೇ ಹೋಗಿತ್ತು, ಇಟ್ಟಿಗೆಗಳು ಹಲ್ಲು ಬಿಟ್ಟುಕೊಂಡಿದ್ದವು. "ಆ ಮನೆಗೆ ನಯವಾಗಿ ಗಾರೆ ಮಾಡ್ಸಿದೀನಿ, ಮುಖ ಕಾಣುತ್ತೆ." ಎರಡನೆಯ ಲೋಟ ಕಾಫಿ ಕೇಳಿದವರಿಗೆ, "ಅಯ್ಯೋ, ಸಕ್ಕರೆ ಡಬ್ಬಿ ಆ ಮನೇಲೇ ಬಿಟ್ಟು ಬಂದ್ವಲ್ಲ!" ಬಂದವರೆಲ್ಲ ಹೊಟ್ಟೆ ಹಿಡಿದು ನಗುತ್ತಿದ್ದರು. ನಕ್ಕು ಹಗುರಾಗಿ, ಒಂದೇ ಲೋಟ ಕಾಫಿ ಕುಡಿದು ಹೋಗುತ್ತಿದ್ದರು.

ನಮ್ಮಕ್ಕ, ಎಂದರೆ ಭಾವನವರ ಹೆಂಡತಿ, ಅವರೂ ಕಡಿಮೆಯವರಲ್ಲ. ಹಸಿ ಸೌದೆಯನ್ನು ಊದಿ ಊದಿ ಕಣ್ಣೊರೆಸಿಕೊಳ್ಳುತ್ತಾ, "ಆ ಮನೆ ಒಲೆ ಹೊಗೆಯೇ ಬಿಡಲ್ವಂತೆ ಮಾರಾಯ್ತಿ" ಎನ್ನುತ್ತಿದ್ದರು. ಒಮ್ಮೆ ಎದುರು ಮನೆಯಾಕೆ ಮೊರ ಕೇಳುವ ನೆಪದಲ್ಲಿ ಬಂದು, ಅತ್ತಿತ್ತ ನೋಡಿ ದನಿ ತಗ್ಗಿಸಿದರು. ನಾನು ಅಲ್ಲೇ ಇದ್ದೆ.

"ಅಲ್ರೀ, ಮೇಷ್ಟ್ರಿಗೆ ಹೊಸನಗರದ ಕಡೆ ಎಲ್ಲೋ ಇನ್ನೊಂದು ಮನೆ ಉಂಟಂತೆ. ಹೌದಾ?"

"ಉಂಟಲ್ಲ!" ಎಂದರು ಅಕ್ಕ, ಮುಖ ಬಾಡಿಸಿಕೊಂಡು. "ಸಂಬಳ ಬಂದ ದಿನವೇ ಅರ್ಧ ಅಲ್ಲಿಗೆ ಹೋಗುತ್ತೆ."

"ಅಯ್ಯಯ್ಯೋ! ನೀವು ಸುಮ್ನಿದೀರಾ?"

"ಏನ್ಮಾಡ್ಲಿ, ಹೇಳಿ. ಕಾಗದಕ್ಕೆ ನಾನೇ ಸಾಕ್ಷಿ ಹಾಕಿದೀನಿ."

ಆಕೆ ಮೊರ ಮರೆತು ಓಡಿದರು. ಅಕ್ಕ ಗೋಡೆಗೊರಗಿ, ಸೆರಗು ಬಾಯಿಗೆ ತುರುಕಿಕೊಂಡು ನಕ್ಕದ್ದು ಇನ್ನೂ ನನ್ನ ಕಣ್ಣ ಮುಂದಿದೆ.

ಆದರೆ ನಾನು ಇನ್ನೂ ಕೆಲವನ್ನು ನೋಡುತ್ತಿದ್ದೆ. ಅಕ್ಕನ ತವರು ತೀರ್ಥಹಳ್ಳಿ ಹತ್ತಿರದ ಮೇಳಿಗೆ. ಅಲ್ಲಿ ಅವರ ತಮ್ಮನ ಮಗಳ ಮದುವೆಗೆ ಹೊರಡುವ ಮಾತಾಯಿತು. ಹೋಗಬೇಕೆಂದರೆ ಉಡುಗೊರೆ, ಬಸ್ ಚಾರ್ಜು, ಉಡಲು ಒಂದು ಸೀರೆ. "ನಿನ್ನ ರೇಷ್ಮೆ ಸೀರೆ ಆ ಮನೆ ಬೀರುವಿನಲ್ಲಿ ಉಳೀತಲ್ಲೇ" ಎಂದರು ಭಾವ. ಅಕ್ಕ ನಕ್ಕರು. ಹೋಗಲಿಲ್ಲ. ಮರುವಾರ ಬಟ್ಟೆ ಮಡಿಸಿಡುವಾಗ ನೋಡಿದೆ: ತಮ್ಮ ಹಳೆಯ ರವಿಕೆಗೆ ಹೊಸ ಹುಕ್ಕುಗಳನ್ನು ಹೊಲಿದಿಟ್ಟಿದ್ದರು.

ಆ ಹುಕ್ಕುಗಳೂ ನೆಟ್ಟಗಿರಲಿಲ್ಲ. ಒಂದು ಮೇಲೆ, ಒಂದು ಕೆಳಗೆ. ಅಷ್ಟು ಅಚ್ಚುಕಟ್ಟಿನ ಹೆಂಗಸು! ಆಮೇಲಾಮೇಲೆ ಅಕ್ಕಿಯ ಕಲ್ಲನ್ನು ಕಣ್ಣಿನಿಂದಲ್ಲ, ಬೆರಳಿನಿಂದ ಹುಡುಕತೊಡಗಿದರು. ಹೊಸ್ತಿಲ ಮುಂದಿನ ರಂಗೋಲಿಯ ಗೆರೆಗಳು ಒಂದನ್ನೊಂದು ಮುಟ್ಟದೆ ನಡುವೆಯೇ ನಿಂತುಬಿಡುತ್ತಿದ್ದವು. ಸ್ಕೂಲಿಗೆ ಹೊರಟ ಭಾವ ಚಪ್ಪಲಿ ಮೆಟ್ಟುವವರಂತೆ ಬಗ್ಗಿ, ಜೇಬಿನ ಸೀಮೆಸುಣ್ಣದಿಂದ ಆ ಗೆರೆಗಳನ್ನು ಸೇರಿಸಿ ಹೋಗುತ್ತಿದ್ದರು. ಅಕ್ಕನಿಗೆ ಅದು ಗೊತ್ತಿರಲಿಲ್ಲ.

ಡಾಕ್ಟರು ನೋಡಿ ಎರಡೂ ಕಣ್ಣಿಗೆ ಪೊರೆ ಬಂದಿದೆ ಎಂದರು. ಶಿವಮೊಗ್ಗಕ್ಕೆ ಹೋಗಿ ಆಪರೇಷನ್ ಮಾಡಿಸಬೇಕು, ವಾರಗಟ್ಟಲೆ ಅಲ್ಲೇ ಉಳಿಯಬೇಕು, ಆಮೇಲೆ ಕನ್ನಡಕ. ನೋಡಿಕೊಳ್ಳುವವರಿಗೆ ಸಂಬಳವಿಲ್ಲದ ರಜೆ. ಸಂಬಳವಿಲ್ಲವೆಂದರೆ ಕಂತಿಲ್ಲ, ಕಂತಿಲ್ಲವೆಂದರೆ ದಂಡದ ಬಡ್ಡಿ! ನಮ್ಮವರು ಹಣ ಕೊಡುತ್ತೇನೆಂದರು.

"ಬೇಡ ಮಾರಾಯ. ಒಂದು ಸಾಲಕ್ಕೇ ಎರಡು ಮನೆ ಆಯ್ತು. ಮೂರನೇದು ಗುಡಿಸಿ ಸಾರಿಸೋರು ಯಾರು?" ಎಂದರು ಭಾವ. ಅವರ ಲೆಕ್ಕವೇ ಬೇರೆ ಇತ್ತು. ಎಂಟು ವರ್ಷ ಕಟ್ಟಿಯಾಗಿದೆ, ಅರ್ಧ ಸಾಲವಾದರೂ ತೀರಿರಬೇಕು. ಉಳಿದದ್ದನ್ನು ಹೇಗಾದರೂ ಬೇಗ ತೀರಿಸಿ ಅಕ್ಕನನ್ನು ಶಿವಮೊಗ್ಗಕ್ಕೆ ಕರೆದೊಯ್ಯುವುದು. ಎಷ್ಟು ಬಾಕಿ ಎಂದು ಕೇಳಿಕೊಂಡು ಬರಲು ಸೊಸೈಟಿಗೆ ಹೋದರು.

ಆ ಭಾನುವಾರ ನಾವು ಹೋದಾಗ ಭಾವ ಅಡುಗೆಮನೆಯ ಬಾಗಿಲಲ್ಲಿ ಕೂತಿದ್ದರು. ಒಳಗೆ ಅಕ್ಕ ಅಕ್ಕಿ ಆರಿಸುತ್ತಿದ್ದರು.

"ತಂಗಿ, ನಿನಗೊಂದು ಲೆಕ್ಕ. ಎಂಟು ವರ್ಷದಲ್ಲಿ ನಾನು ಆರು ಸಾವಿರದ ಚಿಲ್ಲರೆ ಕಟ್ಟಿದೀನಿ. ತಂದ ಸಾಲ ಎಂಟು ಸಾವಿರ. ಉಳಿದದ್ದೆಷ್ಟು?"

ನನಗೆ ಉತ್ತರ ಗೊತ್ತಿತ್ತು. ಅಷ್ಟರಲ್ಲಿ ಭಾವ ತಾವೇ ಹೇಳಿದರು:

"ಆರು ಸಾವಿರ! ಮೊದಮೊದಲು ಎಲ್ಲಾ ಬಡ್ಡಿಗೇ ಹೋಗುತ್ತೆ ಮೇಷ್ಟ್ರೇ ಅಂದ್ರು. ಕೇಳಿದ್ಯೇನೇ?" ಎಂದು ಒಳಕ್ಕೆ ತಿರುಗಿದರು. "ಎಂಟು ವರ್ಷದಿಂದ ನಾವು ಆ ಮನೆಯನ್ನೇ ಕಟ್ಟಿಸ್ತಿದ್ವಂತೆ. ಈ ಮನೆಯ ಕಂತು ಶುರುವಾಗೋದು ಇನ್ನು ಮೇಲಂತೆ!"

ಅಕ್ಕ ಮೊರದಿಂದ ಮುಖವೆತ್ತಲಿಲ್ಲ. ಬೆರಳಿಗೆ ಸಿಕ್ಕಿದ ಒಂದು ಕಲ್ಲನ್ನು ಪಕ್ಕಕ್ಕಿಟ್ಟು ಎಂದಿನ ದನಿಯಲ್ಲೇ ಹೇಳಿದರು:

"ಹಂಗಾದ್ರೆ ನನ್ನ ಕಣ್ಣೂ ಆ ಮನೇಲೇ ಇಟ್ಟಿದೀರಿ ಅನ್ನಿ."

ಆ ಮನೆಯ ಮಾತು ಬಂದಾಗಲೆಲ್ಲ ನಗುತ್ತಿದ್ದ ನಾವು ಯಾರೂ ನಗಲಿಲ್ಲ. ಅವರು ಪಕ್ಕಕ್ಕಿಟ್ಟದ್ದು ಕಲ್ಲಲ್ಲ, ಅಕ್ಕಿಯ ಕಾಳು. ಭಾವನೂ ಅದನ್ನು ನೋಡಿದರು. ಗೋಡೆ ಬಡಿಯಲು ಎತ್ತಿದ ಕೈ ಹಾಗೆಯೇ ಕೆಳಗಿಳಿಯಿತು.

ತಿಂಗಳು ತುಂಬುವುದರೊಳಗೆ ಮನೆ ಮಾರಿದರು. ಕೊಂಡವರು ಅಕ್ಕಿ ಗಿರಣಿಯ ಸಾಹುಕಾರರು. "ಒಂದೇ ಮನೆ ಕೊಡ್ತಿದೀನಿ, ಇನ್ನೊಂದು ನನಗೇ ಇಟ್ಕೊಂಡಿದೀನಿ" ಎಂದರಂತೆ ಭಾವ. ಸಾಹುಕಾರರು ಕಿವಿ ನಿಮಿರಿಸಿ, "ಅದನ್ನೂ ಕೊಡೋದಾದ್ರೆ ಹೇಳಿ" ಎಂದರಂತೆ. "ಇಲ್ಲ, ಅದಕ್ಕೆ ಬಹಳ ದುಡ್ಡು ಬಿದ್ದಿದೆ." ಬಂದ ಹಣದಲ್ಲಿ ಸೊಸೈಟಿ ತನ್ನ ಆರು ಸಾವಿರ ಹಿಡಿದುಕೊಂಡಿತು. ಮಿಕ್ಕದ್ದು ಹಿಡಿಯಷ್ಟು. ಎಂಟು ವರ್ಷ ಹೊಟ್ಟೆ ಬಟ್ಟೆ ಕಟ್ಟಿದ್ದಕ್ಕೆ ಸಿಕ್ಕಿದ್ದು ಆಸ್ಪತ್ರೆಯ ಖರ್ಚು!

ಆಸ್ಪತ್ರೆಯಲ್ಲಿ ಅಕ್ಕನ ಜೊತೆ ನಾನೂ ಇದ್ದೆ. ತಲೆ ಅಲುಗದಂತೆ ಎರಡೂ ಕಡೆ ಮರಳ ಚೀಲ, ಕಣ್ಣಿಗೆ ಪಟ್ಟಿ. ಬಿಡುವ ದಿನ ಡಾಕ್ಟರು ನನ್ನನ್ನೂ ಭಾವನವರನ್ನೂ ಕರೆದು, ಗಾಯ ಮಾಗಿದ ಮೇಲೆ ದಪ್ಪ ಗಾಜಿನ ಕನ್ನಡಕ ಹಾಕಬೇಕು, ಮೊದಮೊದಲು ಎಲ್ಲಾ ಇದ್ದದ್ದಕ್ಕಿಂತ ದೊಡ್ಡದಾಗಿ ಕಾಣುತ್ತದೆ, ಹೆದರಬಾರದು ಎಂದರು.

ಅಷ್ಟರಲ್ಲಿ ಭಾವ ಕೇಳಿಕೊಂಡು ಹೊಸನಗರಕ್ಕೆ ವರ್ಗ ಮಾಡಿಸಿಕೊಂಡಿದ್ದರು. ಅಲ್ಲಿ ಬಾಡಿಗೆ ಕಡಿಮೆ. ಟೈಲರ್ ಅಂಗಡಿಯ ಹಿಂದೆ ಒಂದು ಕೋಣೆ, ಅದಕ್ಕಂಟಿಕೊಂಡು ಒಂದು ಅಡುಗೆಮನೆ. ಕಣ್ಣಿಗೆ ಹಸಿರು ಬಟ್ಟೆಯ ಮರೆ ಕಟ್ಟಿಕೊಂಡ ಅಕ್ಕನನ್ನು ಭಾವ ಕೈಹಿಡಿದು ಒಳಗೆ ಕರೆತಂದರು. ಏನು ಮಾಡಿದರು ಗೊತ್ತೆ? ಇರುವ ಒಂದೇ ಮಂಚದ ಸುತ್ತ ಅವರನ್ನು ನಿಧಾನವಾಗಿ ಎರಡು ಸುತ್ತು ನಡೆಸಿದರು! "ಇದು ಜಗಲಿ. ಇನ್ನು ಇದು ನಡುಮನೆ. ಹುಷಾರು, ತಿರುವು ಇದೆ. ಈಗ ಬಂತು ನೋಡು ಮಲಗೋ ಕೋಣೆ." ನಾನು ಹೊರಗೆ ಹೋಗಿ ನಿಂತೆ. ನಗುವುದೋ ಅಳುವುದೋ ತಿಳಿಯಲಿಲ್ಲ.

ಕನ್ನಡಕ ತಯಾರಾದಾಗ ಅದನ್ನು ಹೊಸನಗರಕ್ಕೆ ಒಯ್ದದ್ದು ನಾನೇ. ಬಸ್ಸಿನಲ್ಲಿ ಕುತೂಹಲಕ್ಕೆ ಟಿಕೆಟ್ಟಿನ ಮೇಲೆ ಹಿಡಿದು ನೋಡಿದೆ. ಒಂದೊಂದು ಅಕ್ಷರವೂ ಹುರಿಗಡಲೆಯ ಗಾತ್ರ!

ಭಾವ ತಾವೇ ಅದನ್ನು ಅಕ್ಕನ ಕಿವಿಗೆ ಸಿಕ್ಕಿಸಿದರು. ಅಕ್ಕ ಮೊದಲು ಅವರನ್ನೇ ನೋಡಿದರು. "ಇದೇನ್ರೀ, ಇಷ್ಟು ಹಣ್ಣಾಗಿಬಿಟ್ಟಿದೀರಾ!" ಆಮೇಲೆ ಆ ದಪ್ಪ ಗಾಜುಗಳು ಮೆಲ್ಲಗೆ ಕೋಣೆಯ ಸುತ್ತ ತಿರುಗಿದವು. ಗೋಡೆ, ಕಿಟಕಿ, ಮಾಡು.

"ಅಯ್ಯೋ," ಎಂದರು ಅಕ್ಕ, "ಎಷ್ಟು ದೊಡ್ಡದು! ಇದೇನಾ ಆ ಮನೆ?"

ಭಾವ ನನ್ನ ಕಡೆ ನೋಡಿದರು. ಡಾಕ್ಟರು ಹೇಳಿದ್ದು ನಮ್ಮಿಬ್ಬರಿಗೂ ಗೊತ್ತಿತ್ತು. ನಾನು ಕನ್ನಡಕದ ಖಾಲಿ ಡಬ್ಬಿಯನ್ನು ಸೆರಗಿನಿಂದ ಒರೆಸುತ್ತಾ ನಿಂತೆ.

"ಮತ್ತೆ? ಎಂಟು ವರ್ಷ ಸುಮ್ನೆ ಕಟ್ಟಿದ್ನಾ ಕಂತು?" ಎಂದು ಭಾವ ಬಾಡಿಗೆ ಮನೆಯ ಗೋಡೆಯನ್ನು ಗೆಣ್ಣಿನಿಂದ ಬಡಿದರು, ಟಕ್ ಟಕ್. "ಕೇಳಿಸ್ತಾ?"

ಗೋಡೆಯಾಚೆಯಿಂದ ಟೈಲರನ ಮಿಷನ್ನು ನಿಂತು, "ಎಂತ ಬೇಕಿತ್ತು ಮೇಷ್ಟ್ರೇ?" ಎಂಬ ಕೂಗು ಬಂತು.

"ಏನೂ ಬೇಡ ಮಾರಾಯ್ರೆ," ಎಂದರು ಭಾವ, ಅಕ್ಕನ ಮುಖದಿಂದ ಕಣ್ಣು ತೆಗೆಯದೆ. "ಎಲ್ಲಾ ಇಲ್ಲೇ ಇದೆ."